ವಾರದ ಕೊನೆಗೆ ಉಳಿದ ತುಂಡು ತರಕಾರಿಗಳಿಂದ ಒಂದು ಪಲ್ಯ: ಅನುಭವಸ್ಥರಲ್ಲಿ ಕೋರಿಕೆ

ಬನಶಂಕರಿ, ಬೆಂಗಳೂರು

ನಮ್ಮದು ಇಬ್ಬರೇ ಇರುವ ಮನೆ. ಭಾನುವಾರ ಬೆಳಿಗ್ಗೆ ವಾರಕ್ಕಾಗುವಷ್ಟು ತರಕಾರಿ ತರುತ್ತೇವೆ. ಶುಕ್ರವಾರದ ಹೊತ್ತಿಗೆ ಯಾವುದೂ ಒಂದು ಹೊತ್ತಿನ ಅಡುಗೆಗೆ ಸಾಲದಷ್ಟು ಚೂರುಪಾರು ಉಳಿದಿರುತ್ತದೆ. ಈ ವಾರ ಉಳಿದಿರುವುದು ಅರ್ಧ ಬೀಟ್‌ರೂಟ್, ಹತ್ತು ಹನ್ನೆರಡು ಹುರುಳಿಕಾಯಿ, ಬಾಡಿದ ಎರಡು ಕ್ಯಾರೆಟ್, ಕಾಲು ಭಾಗ ಎಲೆಕೋಸು, ಅರ್ಧ ಸೀಮೆಬದನೆಕಾಯಿ, ಅಂಗೈಯಗಲದ ಸಿಹಿಗುಂಬಳದ ಹೋಳು ಮತ್ತು ಒಂದೇ ಒಂದು ಬದನೆಕಾಯಿ. ಇಷ್ಟು ದಿನ ಎಲ್ಲವನ್ನೂ ಹುಳಿಗೆ ಹಾಕಿ ಮುಗಿಸುತ್ತಿದ್ದೆ. ಈಗ ಶುಕ್ರವಾರದ ಹುಳಿಯೆಂದರೆ ಮನೆಯವರು ಮುಖ ತಿರುಗಿಸುತ್ತಾರೆ. ಕಳೆದ ವಾರ ಇಂಥವನ್ನೇ ಒಟ್ಟಿಗೆ ಹೆಚ್ಚಿ, ಕುಕ್ಕರಿನಲ್ಲಿ ಎರಡು ಸೀಟಿ ಕೂಗಿಸಿ ಒಗ್ಗರಣೆ ಕೊಟ್ಟೆ. ಕುಂಬಳಕಾಯಿ ಕರಗಿಹೋಯಿತು, ಕೋಸು ಮುದ್ದೆಯಾಯಿತು, ಉಳಿದದ್ದೆಲ್ಲ ಬೀಟ್‌ರೂಟಿನ ಬಣ್ಣಕ್ಕೆ ತಿರುಗಿ ಯಾವುದು ಯಾವ ತರಕಾರಿಯೆಂದು ಗುರುತೇ ಸಿಗಲಿಲ್ಲ. ಅನ್ನ ಸಾರಿನ ಜೊತೆಗೂ ಚಪಾತಿಯ ಜೊತೆಗೂ ಹೊಂದುವಂತಹ, ಅರ್ಧ ಗಂಟೆಯಲ್ಲಿ ಆಗುವಂತಹ ಸರಳವಾದ ಕ್ರಮವನ್ನು ಅನುಭವವಿರುವ ಹಿರಿಯರು ದಯವಿಟ್ಟು ತಿಳಿಸಿಕೊಡಿ.

ಮೈಸೂರು

ತಂಗಿ, ನಿಮ್ಮ ಪಲ್ಯ ಕೆಟ್ಟದ್ದು ತರಕಾರಿ ಬೆರಸಿದ್ದರಿಂದ ಅಲ್ಲ, ಎಲ್ಲವನ್ನೂ ಒಂದೇ ಹೊತ್ತಿಗೆ ಬೇಯಲು ಬಿಟ್ಟಿದ್ದರಿಂದ. ಮೂವತ್ತೈದು ವರ್ಷದಿಂದ ಅಡುಗೆ ಮಾಡುತ್ತಿರುವ ನಾನು ಇಂದಿಗೂ ಉಳಿಕೆ ತರಕಾರಿಯ ಪಲ್ಯಕ್ಕೆ ಕುಕ್ಕರನ್ನು ಮುಟ್ಟುವುದಿಲ್ಲ. ಕುಕ್ಕರಿನೊಳಗೆ ಏನಾಗುತ್ತಿದೆಯೆಂದು ನೋಡುವಂತಿಲ್ಲ, ನಡುವೆ ಒಂದು ತರಕಾರಿಯನ್ನು ಸೇರಿಸುವಂತೆಯೂ ಇಲ್ಲ. ಈ ಪಲ್ಯಕ್ಕೆ ಬೇಕಾದದ್ದು ಅವೆರಡೇ.

ಮೊದಲು ಬೀಟ್‌ರೂಟನ್ನೂ ಬದನೆಕಾಯಿಯನ್ನೂ ಪಕ್ಕಕ್ಕೆ ಇಡಿ. ಬೀಟ್‌ರೂಟಿನ ಬಣ್ಣ ನೀರಿನಲ್ಲಿ ಕರಗುವಂಥದ್ದು, ಆದ್ದರಿಂದ ಎಷ್ಟೇ ಎಚ್ಚರಿಕೆ ವಹಿಸಿದರೂ ಅದು ಬೇರೆಯವುಗಳಿಗೆ ಅಂಟದೆ ಇರುವುದಿಲ್ಲ. ಬದನೆಕಾಯಿ ಕಪ್ಪಾಗಿ ಇಡೀ ಪಲ್ಯದ ಅಂದ ಕೆಡಿಸುತ್ತದೆ. ಅದನ್ನು ಸೀಳಿ ಹುಳುವಿಲ್ಲವೆಂದು ನೋಡಿ, ಎಣ್ಣೆ ಸವರಿ ಉರಿಯ ಮೇಲೆ ಸುಟ್ಟು ಸಿಪ್ಪೆ ತೆಗೆದು ಹಿಸುಕಿದರೆ ಇಬ್ಬರಿಗೆ ಸಾಕಾಗುವಷ್ಟು ಮೊಸರು ಬಜ್ಜಿಯಾಗುತ್ತದೆ. ಬೆಂಡೆಕಾಯಿ ಮತ್ತು ಹಾಗಲಕಾಯಿ ಉಳಿದಿದ್ದರೂ ಇದೇ ನಿಯಮ: ಒಂದು ಲೋಳೆ ಬಿಡುತ್ತದೆ, ಇನ್ನೊಂದು ತನ್ನ ಕಹಿಯನ್ನು ಎಲ್ಲರಿಗೂ ಹಂಚುತ್ತದೆ.

ಬಾಡಿದ ಕ್ಯಾರೆಟನ್ನು ಎಸೆಯುವ ಅಗತ್ಯವಿಲ್ಲ. ಅರ್ಧ ಗಂಟೆ ತಣ್ಣೀರಿನಲ್ಲಿ ಮುಳುಗಿಸಿಟ್ಟರೆ ನೀರು ಹೀರಿಕೊಂಡು ಮತ್ತೆ ಬಿಗಿಯಾಗುತ್ತದೆ. ಆದರೆ ಮುಟ್ಟಿದಾಗ ಕೈಗೆ ಜಾರುವ ಹುರುಳಿಕಾಯಿಯನ್ನು ಮಾತ್ರ ಎಸೆದುಬಿಡಿ. ಬಾಡಿದ್ದು ಬೇರೆ, ಕೊಳೆಯಲು ತೊಡಗಿದ್ದು ಬೇರೆ.

ಈಗ ಹೆಚ್ಚುವ ವಿಷಯ. ಬೇಯಲು ತಡವಾಗುವುದನ್ನು ಸಣ್ಣಗೆ, ಬೇಗ ಬೇಯುವುದನ್ನು ದಪ್ಪಗೆ ಹೆಚ್ಚಬೇಕು. ಇಷ್ಟು ತಿಳಿದರೆ ಅರ್ಧ ಕೆಲಸವಾದಂತೆ. ಹುರುಳಿಕಾಯಿ ಮತ್ತು ಕ್ಯಾರೆಟ್ ಕಡಲೆಕಾಳಿನ ಗಾತ್ರಕ್ಕಿರಲಿ, ಸೀಮೆಬದನೆ ಅದಕ್ಕಿಂತ ಸ್ವಲ್ಪ ದಪ್ಪವಿರಲಿ, ಕುಂಬಳಕಾಯಿಯ ಹೋಳು ಹೆಬ್ಬೆರಳಿನ ಉಗುರಿನಷ್ಟಿರಲಿ. ಕೋಸಿನ ಎಲೆಯನ್ನು ಎಳೆಎಳೆಯಾಗಿ ಹೆಚ್ಚಿ, ನಡುವಿನ ದಿಂಡನ್ನು ಎಸೆಯದೆ ಕ್ಯಾರೆಟಿನಷ್ಟೇ ಸಣ್ಣಗೆ ಹೆಚ್ಚಿ ಕ್ಯಾರೆಟಿನ ಜೊತೆಗೇ ಹಾಕಿ.

ದಪ್ಪ ತಳದ ಬಾಣಲೆಯಲ್ಲಿ 2 ಚಮಚ ಎಣ್ಣೆ ಕಾಯಿಸಿ, ಸಾಸಿವೆ ಸಿಡಿದ ಮೇಲೆ 1 ಚಮಚ ಉದ್ದಿನಬೇಳೆ, 1 ಚಮಚ ಕಡಲೆಬೇಳೆ ಹಾಕಿ ಕೆಂಪಗಾಗಲು ಬಿಟ್ಟು, ಎರಡು ಬ್ಯಾಡಗಿ ಮೆಣಸಿನಕಾಯಿ, ಚಿಟಿಕೆ ಇಂಗು ಮತ್ತು ಕರಿಬೇವನ್ನು ಸೇರಿಸಿ. ಹುರುಳಿಕಾಯಿ, ಕ್ಯಾರೆಟ್, ಕೋಸಿನ ದಿಂಡನ್ನು ಹಾಕಿ ಎರಡು ನಿಮಿಷ ಬಾಡಿಸಿ, ನಾಲ್ಕು ಚಮಚ ನೀರು ಚಿಮುಕಿಸಿ ತಟ್ಟೆ ಮುಚ್ಚಿ. ಆ ತಟ್ಟೆಯ ಮೇಲೆ ಒಂದು ಲೋಟ ನೀರು ಸುರಿಯುವುದನ್ನು ಮರೆಯಬೇಡಿ. ನಮ್ಮ ಅತ್ತೆಯವರು ಗುಳಿಯಿರುವ ಹಳೆಯ ಹಿತ್ತಾಳೆ ತಟ್ಟೆಯೊಂದನ್ನು ಇದಕ್ಕೆಂದೇ ಇಟ್ಟುಕೊಂಡಿದ್ದರು. ಮೇಲಿನ ತಂಪಿಗೆ ಒಳಗಿನ ಹಬೆ ಹನಿಯಾಗಿ ಮತ್ತೆ ಪಲ್ಯದ ಮೇಲೇ ಬೀಳುವುದರಿಂದ ತಳ ಹತ್ತುವುದಿಲ್ಲ; ಒಂದು ವೇಳೆ ನೀರು ಸಾಲದೆ ಹೋದರೆ ತಟ್ಟೆಯ ಮೇಲಿನ ಬಿಸಿನೀರನ್ನೇ ಚಿಮುಕಿಸಬಹುದು. ತಣ್ಣೀರು ಸುರಿದು ಬೇಯುವುದನ್ನು ನಡುವೆ ನಿಲ್ಲಿಸಬಾರದು.

ಐದಾರು ನಿಮಿಷದ ಮೇಲೆ ಸೀಮೆಬದನೆ ಮತ್ತು ಕೋಸು, ಇನ್ನು ನಾಲ್ಕು ನಿಮಿಷ ಕಳೆದು ಕುಂಬಳಕಾಯಿ ಹಾಕಿ. ಉಪ್ಪನ್ನು ಕುಂಬಳಕಾಯಿಯ ಜೊತೆಗೆ ಹಾಕುವುದು ಒಳ್ಳೆಯದು, ಏಕೆಂದರೆ ಮೊದಲೇ ಹಾಕಿದರೆ ಸೀಮೆಬದನೆ ನೀರು ಬಿಟ್ಟು ಪಲ್ಯ ಸಾರಾಗುತ್ತದೆ. ಹುಳಿ ಬೇಕೆನಿಸಿದರೆ ಹುಣಸೆರಸವನ್ನಾಗಲಿ ನಿಂಬೆರಸವನ್ನಾಗಲಿ ಎಲ್ಲ ಬೆಂದ ಮೇಲೆಯೇ ಸೇರಿಸಿ. ಹುಳಿ ಮೊದಲೇ ಬಿದ್ದರೆ ತರಕಾರಿ ಮೆತ್ತಗಾಗಲು ಹಟ ಹಿಡಿಯುತ್ತದೆ. ಒಂದು ಚಮಚ ಸಾರಿನ ಪುಡಿ, ಕಡಲೆಕಾಳಿನಷ್ಟು ಬೆಲ್ಲ, ಉರಿ ಆರಿಸಿದ ಮೇಲೆ ಒಂದು ಹಿಡಿ ತೆಂಗಿನತುರಿ. ತುರಿಯನ್ನು ಬಾಣಲೆಯಲ್ಲಿ ಬಹಳ ಹೊತ್ತು ಕಾಯಿಸಿದರೆ ಅದರ ಹಸಿ ಸಿಹಿ ಹೋಗುತ್ತದೆ.

ಧಾರವಾಡ

ಮೈಸೂರಿನ ಅಕ್ಕನವರು ಬರೆದಿರುವ ಕ್ರಮದ ಬಗ್ಗೆ ನನಗೆ ತಕರಾರಿಲ್ಲ, ತೆಂಗಿನತುರಿಯ ಬಗ್ಗೆ ಮಾತ್ರ ಇದೆ. ಚಪಾತಿಯ ಜೊತೆಗೂ ಬೇಕೆಂದು ಕೇಳಿದ್ದಾರಲ್ಲವೇ? ನಮ್ಮ ಕಡೆ ಇಂತಹ ಪಲ್ಯಕ್ಕೆ ಕೊನೆಯಲ್ಲಿ ಬೀಳುವುದು ಗುರೆಳ್ಳು ಪುಡಿ ಅಥವಾ ಶೇಂಗಾ ಪುಡಿ. ಒಂದು ಬಟ್ಟಲು ಗುರೆಳ್ಳನ್ನು ಸಣ್ಣ ಉರಿಯಲ್ಲಿ ಚಟಪಟ ಎನ್ನುವವರೆಗೆ ಹುರಿದು, ಆರಿದ ಮೇಲೆ ಖಾರದ ಪುಡಿ, ಬೆಳ್ಳುಳ್ಳಿ, ಜೀರಿಗೆ, ಉಪ್ಪು ಹಾಕಿ ಕುಟ್ಟಿ ಡಬ್ಬಿಯಲ್ಲಿ ತುಂಬಿಟ್ಟರೆ ವಾರಗಟ್ಟಲೆ ಒದಗುತ್ತದೆ. ಎರಡು ಚಮಚ ಪುಡಿ ಉದುರಿಸಿದರೆ ತರಕಾರಿ ಬಿಟ್ಟ ನೀರನ್ನೆಲ್ಲ ಅದು ಹೀರಿಕೊಂಡು ಪಲ್ಯ ರೊಟ್ಟಿಯ ತುಂಡಿಗೆ ಹತ್ತುವಂತಾಗುತ್ತದೆ. ತೆಂಗಿನತುರಿ ಈ ಕೆಲಸ ಮಾಡುವುದಿಲ್ಲ. ಪುಡಿ ಇಲ್ಲದಿದ್ದರೆ ಅರ್ಧ ಗಂಟೆ ನೆನೆಸಿದ ಒಂದು ಹಿಡಿ ಹೆಸರುಬೇಳೆಯನ್ನು ಸೀಮೆಬದನೆಯ ಜೊತೆಗೆ ಹಾಕಿ. ಅದೇ ನೀರಿನಲ್ಲಿ ಬೇಳೆ ಬೇಯುತ್ತದೆ, ಪಲ್ಯವೂ ಹೊಟ್ಟೆ ತುಂಬುವಂತಾಗುತ್ತದೆ. ತೀರ ನೀರಾಗಿದ್ದರೆ ಎರಡು ಚಮಚ ಕಡಲೆಹಿಟ್ಟನ್ನು ಉದುರಿಸಿ, ಮುಚ್ಚಿ, ಮೂರು ನಿಮಿಷ ಬಿಟ್ಟು ಕೆದಕಿ.

ಇನ್ನೊಂದು ಮಾತು. ತುಂಡು ತರಕಾರಿ ಬೆರಸುವುದನ್ನು ಬಡತನದ ಅಡುಗೆಯೆಂದು ಕೆಲವರು ಭಾವಿಸುತ್ತಾರೆ. ಸಂಕ್ರಾಂತಿಯ ಹಿಂದಿನ ದಿನ ಭೋಗಿಗೆ ನಮ್ಮ ಮನೆಗಳಲ್ಲಿ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿಯ ಜೊತೆಗೆ ಬಡಿಸುವುದೇ ಹಸಿ ಕಡಲೆ, ಅವರೆ, ಗಜ್ಜರಿ, ಬದನೆಕಾಯಿ ಎಲ್ಲವನ್ನೂ ಕೂಡಿಸಿದ ಪಲ್ಯ. ಅಂದ ಹಾಗೆ ಅದರಲ್ಲಿ ಬದನೆಕಾಯಿ ಇದ್ದೇ ಇರುತ್ತದೆ. ಪಲ್ಯ ಕಪ್ಪಾಯಿತೆಂದು ಇದುವರೆಗೆ ಯಾರೂ ತಟ್ಟೆ ಸರಿಸಿದ್ದಿಲ್ಲ.

ಶಿರಸಿ

ಪಕ್ಕಕ್ಕೆ ಇಟ್ಟ ಬೀಟ್‌ರೂಟಿಗೆ ಒಂದು ದಾರಿ ಹೇಳುತ್ತೇನೆ. ಅದನ್ನು ತುರಿದು ಸ್ವಲ್ಪವೇ ನೀರಿನಲ್ಲಿ ಬೇಯಿಸಿ ಆರಿಸಿ. ಅರ್ಧ ಬಟ್ಟಲು ಕಾಯಿತುರಿ, ಒಂದು ಹಸಿಮೆಣಸು ಮತ್ತು ಕಾಲು ಚಮಚ ಸಾಸಿವೆಯನ್ನು ನುಣ್ಣಗೆ ಅರೆದು, ಗಟ್ಟಿ ಮೊಸರಿನೊಂದಿಗೆ ಕಲಸಿ ಒಗ್ಗರಣೆ ಕೊಟ್ಟರೆ ಸಾಸಿವೆ ಎಂಬ ಪದಾರ್ಥ ಸಿದ್ಧವಾಗುತ್ತದೆ. ಸಾಸಿವೆ ಕಾಲು ಚಮಚಕ್ಕಿಂತ ಹೆಚ್ಚಾದರೆ ಕಹಿ ಬರುತ್ತದೆ, ಕಲಸಿದ ಮೇಲೆ ಒಲೆಯ ಮೇಲೆ ಇಟ್ಟರೆ ಮೊಸರು ಒಡೆಯುತ್ತದೆ. ಎಲ್ಲದಕ್ಕೂ ಅಂಟುವ ಆ ಬಣ್ಣವೇ ಇಲ್ಲಿ ಅದರ ಚೆಲುವು.

ಸೀಮೆಬದನೆಯ ಸಿಪ್ಪೆಯನ್ನು ಎಸೆದಿದ್ದರೆ ಬೇಸರವಾಗುತ್ತದೆ. ಆ ಸಿಪ್ಪೆಯನ್ನೂ, ಹೀರೇಕಾಯಿ ಇದ್ದ ದಿನ ಅದರ ಸಿಪ್ಪೆಯನ್ನೂ ಒಂದು ಚಮಚ ತುಪ್ಪದಲ್ಲಿ ಜೀರಿಗೆ, ನಾಲ್ಕು ಕಾಳುಮೆಣಸಿನೊಂದಿಗೆ ಹುರಿದು, ಕಾಯಿಯ ಜೊತೆಗೆ ಅರೆದು ಮಜ್ಜಿಗೆಗೆ ಬೆರಸಿದರೆ ತಂಬುಳಿಯಾಗುತ್ತದೆ. ನಮ್ಮಲ್ಲಿ ಊಟದ ಮೊದಲ ತುತ್ತು ಅದರದ್ದೇ.

ಮ್ಯೂನಿಕ್, ಜರ್ಮನಿ

ಇಲ್ಲಿ ನಮಗೆ ಊರಿನ ತರಕಾರಿಗಳಲ್ಲಿ ಧಾರಾಳವಾಗಿ ಸಿಗುವುದು ನವಿಲುಕೋಸು. ಕೊಳ್ಳುವವರು ಎಲೆಗಳನ್ನು ಮುರಿದು ಅಂಗಡಿಯಲ್ಲೇ ಬಿಟ್ಟುಹೋಗುವುದನ್ನು ಕಂಡು, ನನ್ನ ಗಡ್ಡೆಯ ಎಲೆಯನ್ನು ಮಾತ್ರ ನಾನು ಜೋಪಾನವಾಗಿ ಮನೆಗೆ ತರುತ್ತೇನೆ. ಎಲೆಯ ನಡುನರವನ್ನು ತೆಗೆದು, ಸಣ್ಣಗೆ ಹೆಚ್ಚಿ, ಮೇಲೆ ಹೇಳಿದ ಪಲ್ಯಕ್ಕೆ ಕೋಸಿನ ಜೊತೆಗೆ ಹಾಕಬಹುದು. ಬ್ರೊಕೊಲಿಯ ದಂಟಿನ ಹೊರಸಿಪ್ಪೆ ಹೆರೆದರೆ ಒಳಗಿನ ತಿರುಳೂ ನವಿಲುಕೋಸಿನಂತೆಯೇ ಬೇಯುತ್ತದೆ. ಹಸಿ ತೆಂಗಿನಕಾಯಿ ಸಿಗದವರು ಒಣ ತುರಿಯನ್ನು ಹತ್ತು ನಿಮಿಷ ಬಿಸಿನೀರಿನಲ್ಲಿ ನೆನೆಸಿ, ಹಿಂಡಿ ಬಳಸಿದರೆ ಅದು ಹೊಟ್ಟಿನಂತೆ ಬಾಯಿಗೆ ಸಿಗುವುದಿಲ್ಲ.

ತುಮಕೂರು

ರುಚಿಯ ಮಾತುಗಳ ನಡುವೆ ಒಂದು ಎಚ್ಚರಿಕೆಯ ಮಾತು. ಎರಡು ವರ್ಷದ ಹಿಂದೆ ಉಳಿದಿದ್ದ ಸೋರೆಕಾಯಿಯ ತುಂಡೊಂದನ್ನು ನೋಡದೆ ಪಲ್ಯಕ್ಕೆ ಹಾಕಿದೆ. ಪಲ್ಯವೆಲ್ಲ ವಿಷದಂತೆ ಕಹಿಯಾಯಿತು. ಮಸಾಲೆ ಹೆಚ್ಚಿಸಿದರೆ ಸರಿಹೋಗುತ್ತದೆಂದು ನಾಲ್ಕು ತುತ್ತು ತಿಂದು ರಾತ್ರಿಯೆಲ್ಲ ವಾಂತಿ ಮಾಡಿಕೊಂಡೆ. ಸೋರೆ, ಹೀರೆ, ಸೌತೆಗಳ ಅಸಹಜವಾದ ಕಹಿ ಬೇಯಿಸಿದರೆ ಹೋಗುವಂಥದ್ದಲ್ಲ, ದೇಹಕ್ಕೆ ಕೇಡು ಮಾಡುವಂಥದ್ದು. ಹೆಚ್ಚುವ ಮೊದಲು ಒಂದು ಚೂರನ್ನು ನಾಲಿಗೆಯ ತುದಿಗೆ ಇಟ್ಟು ನೋಡಿ, ಕಹಿಯೆನಿಸಿದರೆ ಉಗುಳಿ, ಕಾಯಿಯನ್ನು ಪೂರ್ತಿಯಾಗಿ ಎಸೆಯಿರಿ. ಹಸಿರು ತಿರುಗಿ ಮೊಳಕೆಯೊಡೆದ ಆಲೂಗಡ್ಡೆಗೂ ಇದೇ ಮಾತು ಸಲ್ಲುತ್ತದೆ. ಹಾಗೆಯೇ, ಮಾಡಿದ ಪಲ್ಯ ರಾತ್ರಿಗೂ ಬೇಕೆಂದಿದ್ದರೆ ಒಲೆಯ ಪಕ್ಕದಲ್ಲೇ ಬಿಡದೆ ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ, ತೆಂಗಿನತುರಿ ಹಾಕಿದ್ದರಂತೂ ತಪ್ಪದೆ.

ಬನಶಂಕರಿ, ಬೆಂಗಳೂರು

ಎಲ್ಲರಿಗೂ ನಮಸ್ಕಾರ. ಶನಿವಾರ ಮಧ್ಯಾಹ್ನ ಮಾಡಿದೆ. ತಟ್ಟೆಯ ಮೇಲೆ ನೀರು ಇಟ್ಟಾಗ ಮೊದಮೊದಲು ನಂಬಿಕೆ ಬರಲಿಲ್ಲ, ತೆಗೆದು ನೋಡಿದರೆ ತಟ್ಟೆಯ ಕೆಳಗೆಲ್ಲ ಹನಿಗಟ್ಟಿತ್ತು, ತಳ ಒಂದಿಷ್ಟೂ ಹತ್ತಿರಲಿಲ್ಲ. ಹುರುಳಿಕಾಯಿ ಹಸಿರಾಗಿಯೇ ಉಳಿಯಿತು, ಕುಂಬಳಕಾಯಿ ಹೋಳು ಹೋಳಾಗಿ ಕಾಣಿಸಿತು. ನಾನು ಮಾಡಿದ ತಪ್ಪೆಂದರೆ ಹೆಚ್ಚಿದ ಕೋಸಿನ ರಾಶಿಯನ್ನು ನೋಡಿ ಉಪ್ಪನ್ನು ಅಂದಾಜು ಮಾಡಿದ್ದು. ಬೆಂದು ಕೋಸು ಅರ್ಧಕ್ಕೆ ಇಳಿದಾಗ ಉಪ್ಪು ಮುಂದಾಗಿತ್ತು. ಅಕ್ಕನವರು ಹೇಳಿದ ತುರಿಯನ್ನು ಇನ್ನೊಂದು ಹಿಡಿ ಹೆಚ್ಚಿಗೆ ಹಾಕಿ ಸರಿದೂಗಿಸಿದೆ. ರಾತ್ರಿ ಚಪಾತಿಗೆ ಉಳಿಸಿದ ಪಾಲಿಗೆ ಶೇಂಗಾ ಪುಡಿ ಬೆರಸಿದೆ, ಧಾರವಾಡದವರ ಮಾತು ನಿಜ, ಅದು ಬೇರೆಯೇ ಪಲ್ಯದಂತಿತ್ತು. ಬೀಟ್‌ರೂಟಿನ ಸಾಸಿವೆ ಎಲ್ಲಕ್ಕಿಂತ ಮೊದಲು ಖಾಲಿಯಾಯಿತು. ಬದನೆಕಾಯಿಯನ್ನು ಸೀಳಿ ನೋಡಿದರೆ ಒಳಗೆ ಹುಳುವಿತ್ತು. ಮೊಸರು ಬಜ್ಜಿ ಮುಂದಿನ ಶುಕ್ರವಾರಕ್ಕೆ.