ಓಮ್ನಿ ಹಿಂದಿನ ಡ್ರಮ್ ಮತ್ತೆ ಒದ್ದೆ: ಗೇರ್ ಆಯಿಲೋ, ಬ್ರೇಕ್ ಆಯಿಲೋ?

ತೀರ್ಥಹಳ್ಳಿ ಓಮ್ನಿ:

ಎಲ್ಲರಿಗೂ ನಮಸ್ಕಾರ. ನಮ್ಮದು 2009ರ ಓಮ್ನಿ. ತೀರ್ಥಹಳ್ಳಿಯಿಂದ ಸ್ವಲ್ಪ ಒಳಗೆ ನಮ್ಮ ಮನೆ. ತೋಟಕ್ಕೆ ಗೊಬ್ಬರ ತರೋದಕ್ಕೂ ಅದೇ ಗಾಡಿ, ತಿಂಗಳಿಗೊಮ್ಮೆ ಅಪ್ಪಯ್ಯನನ್ನು ಮಣಿಪಾಲದ ಡಾಕ್ಟರ ಹತ್ತಿರ ಕರೆದುಕೊಂಡು ಹೋಗೋದಕ್ಕೂ ಅದೇ. ಹಾಗಾಗಿ ಆಗುಂಬೆ ಘಾಟಿಯ 14 ತಿರುವು ನಮಗೆ ತಪ್ಪಿದ್ದಲ್ಲ.

ಮೇ ತಿಂಗಳಲ್ಲಿ ಹಿಂದಿನ ಎರಡೂ ಚಕ್ರಕ್ಕೆ ಹೊಸ ಬ್ರೇಕ್ ಶೂ (ಡ್ರಮ್ಮಿನ ಒಳಮೈಗೆ ಒತ್ತಿ ಚಕ್ರ ನಿಲ್ಲಿಸುವ ಭಾಗ) ಹಾಕಿಸಿದೆ. ಜೂನ್ ಕೊನೆಗೆ ನೋಡಿದರೆ ಎಡಗಡೆ ಹಿಂದಿನ ಟೈರಿನ ಒಳಮೈ ಒದ್ದೆ. ಮಳೆ ನೀರು ಅಂತ ಮೊದಲು ಬಿಟ್ಟೆ. ಮಾರನೇ ದಿನ ಕೈ ಹಾಕಿ ನೋಡಿದರೆ ಜಿಡ್ಡು. ಗ್ಯಾರೇಜಿನಲ್ಲಿ ಡ್ರಮ್ ಬಿಚ್ಚಿ "ಆಕ್ಸೆಲ್ ಆಯಿಲ್ ಸೀಲ್ ಹೋಗಿದೆ, ಓಮ್ನಿಗೆ ಇದು ಮಾಮೂಲಿ" ಅಂದರು. ಆಕ್ಸೆಲ್ ಒಳಗಿನ ಗೇರ್ ಆಯಿಲ್ ಹೊರಗೆ ಬರದಂತೆ ತಡೆಯುವ ಆ ಸೀಲ್ ಬದಲಾಯಿಸಿದರು. ನೆನೆದಿದ್ದ ಶೂವನ್ನು ಪೆಟ್ರೋಲಿನಲ್ಲಿ ತೊಳೆದು, ಎಮರಿ ಪೇಪರಿನಲ್ಲಿ ಉಜ್ಜಿ ಅದನ್ನೇ ವಾಪಸ್ ಹಾಕಿದರು.

ಮೂರು ವಾರಕ್ಕೆ ಮತ್ತೆ ಅದೇ ಕಥೆ. ಈಗ ಪೆಡಲ್ ಮೊದಲಿಗಿಂತ ಕೆಳಗೆ ಹೋಗುತ್ತಿದೆ. ನಿಧಾನ ಹೋಗುವಾಗ ಮೆತ್ತಗೆ ಬ್ರೇಕ್ ಹಿಡಿದರೆ ಎಡಗಡೆ ಹಿಂದಿನ ಚಕ್ರ ಗಕ್ಕಂತ ಕಚ್ಚುತ್ತದೆ. ಬ್ರೇಕ್ ಆಯಿಲ್ ಡಬ್ಬಿಯಲ್ಲಿ ಮ್ಯಾಕ್ಸ್ ಗೆರೆಯಲ್ಲಿದ್ದದ್ದು ಮಿನ್ ಗೆರೆ ಹತ್ತಿರ ಬಂದಿತ್ತು. ಒಂದು ಸಲ ನಾನೇ ತುಂಬಿಸಿದ್ದೇನೆ.

ಗ್ಯಾರೇಜಿನವರು ಸೀಲ್ ಸರಿ ಕೂತಿಲ್ಲ, ಇನ್ನೊಮ್ಮೆ ಹಾಕೋಣ ಅನ್ನುತ್ತಾರೆ. ನನಗೆ ಯಾಕೋ ಮನಸ್ಸು ಒಪ್ಪುತ್ತಿಲ್ಲ. ಒದ್ದೆ ಯಾವುದರದ್ದು ಅಂತ ಖಚಿತವಾಗಿ ತಿಳಿಯೋದು ಹೇಗೆ? ವೀಲ್ ಸಿಲಿಂಡರ್ (ಬ್ರೇಕ್ ಆಯಿಲಿನ ಒತ್ತಡದಿಂದ ಶೂಗಳನ್ನು ತಳ್ಳುವ ಭಾಗ) ಆದರೆ ಕಿಟ್ ಹಾಕಿದರೆ ಸಾಕೋ, ಹೊಸದೇ ಬೇಕೋ? ತೋಟದ ಪಂಪು, ಸ್ಪ್ರೇಯರ್ ಎಲ್ಲ ನಾನೇ ಬಿಚ್ಚಿ ಜೋಡಿಸುತ್ತೇನೆ. ಸ್ಪ್ಯಾನರ್ ಹಿಡಿದು ಅಭ್ಯಾಸ ಇದೆ, ಆದರೆ ಬ್ರೇಕ್ ಕೆಲಸ ಮಾಡಿಲ್ಲ. ಅಪ್ಪಯ್ಯನ ಮುಂದಿನ ತಾರೀಕು ಇನ್ನು 12 ದಿನಕ್ಕೆ.

ಮಲ್ಲೇಶ್ವರ 800:

ಮೊದಲು ಒಂದು ಪ್ರಶ್ನೆ. ಡ್ರಮ್ ಬಿಚ್ಚಿದಾಗ ಒದ್ದೆ ಎಲ್ಲಿಂದ ಶುರುವಾಗಿತ್ತು ಅಂತ ಯಾರಾದರೂ ನೋಡಿದರಾ? ಸಿಲಿಂಡರ್ ಇರೋದು ಮೇಲುಗಡೆ, ಸೀಲ್ ಇರೋದು ನಡುವೆ ಆಕ್ಸೆಲ್ ಹತ್ತಿರ. ಎಣ್ಣೆ ಕೆಳಗೆ ಇಳಿದು ಎಲ್ಲ ಕಡೆ ಹರಡಿರುತ್ತದೆ. ಹಾಗಾಗಿ ಒದ್ದೆಯಾದ ಜಾಗಗಳಲ್ಲಿ ಎಲ್ಲಕ್ಕಿಂತ ಮೇಲಿನದು ಯಾವುದು ಅಂತ ಹುಡುಕಬೇಕು.

ನನ್ನ ಮಾರುತಿ 800ರಲ್ಲಿ ಈ ಗೊಂದಲವೇ ಬರಲಿಲ್ಲ. ಅದು ಮುಂದಿನ ಚಕ್ರದಲ್ಲಿ ಓಡುವ ಗಾಡಿ, ಹಿಂದೆ ಗೇರ್ ಆಯಿಲೇ ಇಲ್ಲ. ಡ್ರಮ್‌ನಲ್ಲಿ ತೆಳು ಎಣ್ಣೆ ಕಂಡರೆ ಅದು ಬ್ರೇಕ್ ಆಯಿಲ್ಲೇ. ಓಮ್ನಿ ಹಿಂದಿನ ಚಕ್ರದಲ್ಲಿ ಓಡೋದು, ಹಿಂದಿನ ಆಕ್ಸೆಲ್ ಒಳಗೆ ಗೇರ್ ಆಯಿಲ್ ಇರುತ್ತದೆ; ಹಾಗಾಗಿ ಎರಡಕ್ಕೂ ಅವಕಾಶ ಇದೆ. ಆದರೆ ಡಬ್ಬಿ ಇಳಿಯುತ್ತಿದೆ ಅಂತ ನೀವೇ ಹೇಳುತ್ತಿದ್ದೀರಿ. ಗೇರ್ ಆಯಿಲ್ ಸೋರಿದರೆ ಬ್ರೇಕ್ ಆಯಿಲ್ ಡಬ್ಬಿ ಇಳಿಯೋದಿಲ್ಲ.

ಹುಬ್ಬಳ್ಳಿ ಗ್ಯಾರೇಜ್ ಬಸಣ್ಣ:

ನಮಸ್ಕಾರ್ರಿ. 30 ವರ್ಷ ಗ್ಯಾರೇಜ್ ನಡಸೀನಿ, ಈಗ ಮಗ ನೋಡ್ಕೋತಾನ. ಮೊದಲ ಒಂದ ಮಾತು: ಇದು ಸರಿ ಆಗೂತನಕ ನಿಮ್ಮ ತಂದಿಯವರನ್ನ ಕುಂದರಿಸ್ಕೊಂಡ ಘಾಟ್ ಇಳೀಬ್ಯಾಡ್ರಿ. ಬಸ್ಸಿಗೆ ಹೋಗ್ರಿ, ಯಾರದರ ಗಾಡಿ ಕೇಳ್ರಿ.

ಗೇರ್ ಆಯಿಲ್ ಆಗ್ಲಿ ಬ್ರೇಕ್ ಆಯಿಲ್ ಆಗ್ಲಿ, ಲೈನರ್ (ಶೂ ಮ್ಯಾಲಿನ ಸವಿಯೂ ಪದರ) ಧೂಳಿನಾಗ ಕಲತು ಕರ್ರಗ ಆತಂದ್ರ ಕಣ್ಣಿಗೆ ಎರಡೂ ಒಂದ ಕಾಣ್ತಾವ. ಅದಕ್ಕ ನೀರಿನಾಗ ನೋಡ್ರಿ. ಬಿಳೀ ಅರಿವಿ ತುಂಡಿಗೆ ಆ ಜಿಡ್ಡು ಹಚ್ಚಿ, ಒಂದ ಗ್ಲಾಸ್ ನೀರಾಗ ಅದ್ದಿ ಅಲಗಾಡಸ್ರಿ. ಬ್ರೇಕ್ ಆಯಿಲ್ ನೀರಾಗ ಕರಗಿ ಹೋಗ್ತದ. ಗೇರ್ ಆಯಿಲ್ ಮ್ಯಾಲೆ ತೇಲಿ ಬಣ್ಣಬಣ್ಣದ ಪದರ ಕಟ್ತದ. ಮೂಗಿಗೂ ಗೊತ್ತಾಗ್ತದ, ಗೇರ್ ಆಯಿಲಿಗೆ ಗಂಧಕದಂಥಾ ಘಾಟ ಇರ್ತದ.

ಆಮ್ಯಾಲೆ ಡ್ರಮ್ ತಗದು, ಸಿಲಿಂಡರಿನ ಎರಡೂ ತುದಿಗೆ ಇರೂ ರಬ್ಬರ್ ಬೂಟ್ ಅಂಚನ್ನ ಸಣ್ಣ ಸ್ಕ್ರೂಡ್ರೈವರಿಂದ ಸಾವಕಾಶ ಎತ್ತಿ ನೋಡ್ರಿ. ಬರೇ ತೇವ ಇದ್ರ ಅಂಜಬ್ಯಾಡ್ರಿ. ಹನಿ ಹರದು ಬಂತಂದ್ರ ಒಳಗ ಆಯಿಲ್ ತಡಿಯೂ ರಬ್ಬರ್ ಕಪ್ ಹೋಗೇದ. ಡ್ರಮ್ ತಗದಾಗ ಯಾರೂ ಪೆಡಲ್ ತುಳೀಬಾರದು. ತುಳದ್ರ ಪಿಸ್ಟನ್ ಹೊರಗ ಹಾರ್ತಾವ. ಮನ್ಯಾಗ ಮಕ್ಕಳಿದ್ರ ಗಾಡಿಗೆ ಕೀಲಿ ಹಾಕ್ರಿ.

ಮೇದಾಗ ಹೊಸ ಶೂ ಹಾಕಿಸಿದೆ ಅಂದ್ರಲ್ಲ, ನನಗ ಅಲ್ಲೇ ಸಂಶೆ ಬಂತು. ಹಳೇ ಶೂ ಸವದಾಗ ಪಿಸ್ಟನ್ ಹೊರಗ ಸರದು ಅಲ್ಲೇ ಆಡ್ತಿರ್ತಾವ. ಸಿಲಿಂಡರಿನ ನಡುಭಾಗದಾಗ ಹಳೇ ಆಯಿಲ್ ನಿಂತು, ನೀರಿನಂಶ ಕೂಡಿ, ತಳಕ್ಕ ತುಕ್ಕ ಹಿಡೀತದ. ದಪ್ಪನ ಹೊಸ ಶೂ ಹಾಕಿದ ಕೂಡಲೆ ಪಿಸ್ಟನ್ ಒಳಗ ಹೋಗಬೇಕಾಗ್ತದ. ಆಗ ರಬ್ಬರ್ ಕಪ್ಪು ಆ ತುಕ್ಕಿನ ಮ್ಯಾಲೇ ತಿಕ್ಕಾಡ್ತದ. ಎಷ್ಟೋ ಗಾಡಿ ಹಿಂಗ ಬಂದಾವ ನನ್ನ ಕಡೆ, "ಶೂ ಹಾಕಿಸಿದ ಮ್ಯಾಲೆ ಸೋರಾಕ ಹತ್ತೇತಿ" ಅಂತ.

ಬ್ರೇಕ್ ಆಯಿಲ್ ಯಾವಾಗ ಬದಲಿ ಮಾಡಿಸೀರಿ?

ತೀರ್ಥಹಳ್ಳಿ ಓಮ್ನಿ:

ಬಸಣ್ಣೋರೆ, ಬ್ರೇಕ್ ಆಯಿಲ್ ಬದಲಾಯಿಸಿದ ನೆನಪೇ ನನಗಿಲ್ಲ. ಕಡಿಮೆ ಆದಾಗ ತುಂಬಿಸಿದ್ದೇವೆ ಅಷ್ಟೆ.

ಇವತ್ತು ಬೆಳಿಗ್ಗೆ ಮಳೆ ಬಿಟ್ಟಾಗ ಗ್ಲಾಸಿನ ಪರೀಕ್ಷೆ ಮಾಡಿದೆ. ಟೈರಿನ ಒಳಗಿನಿಂದ ಒರೆಸಿದ ಬಟ್ಟೆ ಅದ್ದಿದೆ. ಕಪ್ಪು ಧೂಳು ತಳಕ್ಕೆ ಹೋಯಿತು, ಮೇಲೆ ಒಂದು ಚುಕ್ಕೆ ಎಣ್ಣೆಯೂ ತೇಲಲಿಲ್ಲ. ಹೋಲಿಸಿ ನೋಡೋಣ ಅಂತ ಇನ್ನೊಂದು ಗ್ಲಾಸಿಗೆ ಮನೆಯಲ್ಲಿದ್ದ ಟಿಲ್ಲರ್ ಗೇರ್ ಆಯಿಲ್ ಒಂದು ಹನಿ ಬಿಟ್ಟೆ. ಅದು ಕಾಮನಬಿಲ್ಲಿನ ಹಾಗೆ ಹರಡಿಕೊಂಡಿತು. ಅಪ್ಪಯ್ಯ ಜಗಲಿಯಲ್ಲಿ ಕೂತು ಎರಡೂ ಗ್ಲಾಸು ನೋಡಿ, "ಇಷ್ಟು ಸುಲಭ ಇತ್ತಾ?" ಅಂದರು.

ಡ್ರಮ್ಮೂ ಬಿಚ್ಚಿದೆ. ಸಿಲಿಂಡರಿನ ಹಿಂಬದಿ ಬೂಟ್ ಎತ್ತುತ್ತಿದ್ದ ಹಾಗೆ ಕಷಾಯದ ಬಣ್ಣದ ಆಯಿಲ್ ಬೆರಳ ಮೇಲೆ ಇಳಿಯಿತು. ಆಕ್ಸೆಲ್ ಸೀಲ್ ಸುತ್ತ ಒಣಗಿದೆ. ಅಂದರೆ ಸೀಲ್ ಸರಿಯಾಗೇ ಇದೆ. ಕಿಟ್ಟೋ, ಹೊಸ ಸಿಲಿಂಡರೋ ಹೇಳಿ. ಬೇರೆ ಏನೇನು ತರಬೇಕು?

ಹುಬ್ಬಳ್ಳಿ ಗ್ಯಾರೇಜ್ ಬಸಣ್ಣ:

ಹೊಸಾದ ಹಾಕ್ರಿ, ಎರಡೂ ಕಡೆ. ಕಿಟ್ ಅಂದ್ರ ಬರೇ ರಬ್ಬರ್ ಕಪ್ಪು, ಬೂಟು. ಸಿಲಿಂಡರಿನ ಒಳಮೈ ಕನ್ನಡಿ ಹಂಗಿದ್ರ ಕಿಟ್ ನಡೀತದ, ನಾನೂ ಹಾಕೀನಿ. ಉಗುರಿಗೆ ತಡಿಯೂ ಹಂಗ ಗುಳಿ ಬಿದ್ದಿತ್ತಂದ್ರ ಹೊಸ ಕಪ್ಪನ್ನೂ ಅದು ಹರೀತದ. ಎಮರಿ ಪೇಪರ್ ಹಾಕಿ ಗುಳಿ ತಗೀತೀನಿ ಅಂದ್ರ ಬೋರ್ ದೊಡ್ಡದಾಗ್ತದ, ಕಪ್ ಬಿಗಿಯಾಗಿ ಕೂಡೂದಿಲ್ಲ. ಬಲಗಡೆದೂ ಅದ ವಯಸ್ಸಿಂದು, ಅದ ಆಯಿಲ್ ಕುಡದದ್ದು.

ಶೂನೂ ಹೊಸಾದು, ಎರಡೂ ಕಡೆ ಜೋಡಿ. ಪೆಟ್ರೋಲಿನಾಗ ತೊಳದ ಶೂ ಅಂದ್ರಲ್ಲ, ಅದನ್ನ ಓದಿ ಭಾಳ ಕೆಟ್ಟ ಅನಿಸ್ತು ನನಗ. ಲೈನರ್ ಆಯಿಲ್ ಹೀರಿಕೊಂಡ ಮ್ಯಾಲೆ ಮ್ಯಾಲಮ್ಯಾಲೆ ಸ್ವಚ್ಛ ಕಾಣ್ತದ. ಬ್ರೇಕ್ ಕಾದಾಗ ಒಳಗಿಂದು ಮತ್ತ ಹೊರಗ ಬರ್ತದ. ನಿಮ್ಮ ಗಾಲಿ ಗಕ್ಕನ ಕಚ್ಚೂದು ಅದಕ್ಕ. ಒಂದ ಕಡೆ ಹೊಸಾದು ಒಂದ ಕಡೆ ಹಳೇದು ಹಾಕಿದ್ರ ಮಳಿಯಾಗ ಗಾಡಿ ಅಡ್ಡ ಎಳೀತದ.

ಪೆಟ್ರೋಲ್, ಸೀಮೆಎಣ್ಣಿ, ಡೀಸೆಲ್ ಬ್ರೇಕಿನ ರಬ್ಬರಿಗೆ ಮುಟ್ಟಸಬ್ಯಾಡ್ರಿ, ಉಬ್ಬತಾವ. ಬ್ರೇಕ್ ಕ್ಲೀನರ್ ಇಲ್ಲಾ ಸಾಬಾನ ನೀರು ಸಾಕು. ಧೂಳನ್ನ ಬಾಯಿಂದ ಊದೂದು, ಕಂಪ್ರೆಸರ್ ಗಾಳಿ ಹೊಡಿಯೂದು ಎರಡೂ ಬ್ಯಾಡ. ಹಳೇ ಲೈನರಿನಾಗ ಕಲ್ನಾರು ಇರಬಹುದು, ಪುಪ್ಪುಸಕ್ಕ ಹೋದ್ರ ಹೊಳ್ಳಿ ಬರೂದಿಲ್ಲ. ನೀರ ಚಿಮುಕಿಸಿ ಒರಸ್ರಿ, ಮುಖಕ್ಕ ಮಾಸ್ಕ್ ಹಾಕ್ರಿ.

ಆಯಿಲ್ ಡಬ್ಬಿ ಮುಚ್ಚಳದ ಮ್ಯಾಲೆ ಡಾಟ್ 3 (ಬ್ರೇಕ್ ಆಯಿಲಿನ ಒಂದ ದರ್ಜೆ) ಅಂತ ಬರದಿದ್ರ ಅದನ್ನ ತರ್ರಿ. ಸೀಲ್ ಒಡೀದ ಬಾಟಲಿನ ಇರಬೇಕು. ಕಪಾಟಿನಾಗ ಅರ್ಧ ಉಳದಿದ್ದು ಗಾಳಿಯಾಗಿನ ನೀರ ಕುಡದಿರ್ತದ. ಹೊಸಾ ಡಾಟ್ 3 ಕಮ್ಮಿ ಅಂದ್ರ 205 ಡಿಗ್ರಿಗೆ ಕುದೀತದ, ನೀರ ಕುಡದದ್ದು 140ಕ್ಕ ಇಳೀಬಹುದು. ಘಾಟ್ ಇಳಿಯೂ ಗಾಡಿಗೆ ಆ ಅಂತರ ದೊಡ್ಡದು.

ಬಿಚ್ಚೂಮುಂದ ಮೊದಲ ಪೈಪಿನ ನಟ್ ಸಡಿಲ ಮಾಡ್ರಿ, ಆಮ್ಯಾಲೆ ಸಿಲಿಂಡರಿನ ಬೋಲ್ಟ್. ಜೋಡಸೂಮುಂದ ಪೈಪಿನ ನಟ್ ಕೈಲೆ ನಾಕ ಸುತ್ತ ಹತ್ತಸಿ, ಆಮ್ಯಾಲೆ ಬೋಲ್ಟ್ ಬಿಗೀರಿ. ಇಲ್ಲಾಂದ್ರ ನಟ್ ಅಡ್ಡಥ್ರೆಡ್ ಆಗ್ತದ. ಒಂದ ಕಡೆ ಪೂರ್ತಿ ಮುಗಿಸಿ ಇನ್ನೊಂದ ಕಡೆ ಬಿಚ್ಚ್ರಿ, ಸ್ಪ್ರಿಂಗ್ ಯಾವುದು ಎಲ್ಲಿ ಅಂತ ನೋಡಾಕ ಒಂದ ಮಾದರಿ ಉಳೀತದ.

ಮಲ್ಲೇಶ್ವರ 800:

ಏರ್, ಅಂದರೆ ಬ್ರೇಕ್ ಪೈಪಿನೊಳಗೆ ಸೇರಿದ ಗಾಳಿ, ತೆಗೆಯುವಾಗ ಒಂದು ಎಚ್ಚರಿಕೆ. ಹಳೆ ಗಾಡಿಯಲ್ಲಿ ಪೆಡಲನ್ನು ನೆಲಕ್ಕೆ ತಾಗುವವರೆಗೆ ತುಳಿಯಬೇಡಿ. ಪೆಡಲ್ ತುಳಿದಾಗ ಬ್ರೇಕ್ ಆಯಿಲ್ ತಳ್ಳುವ ಮಾಸ್ಟರ್ ಸಿಲಿಂಡರಿನಲ್ಲಿ ಪಿಸ್ಟನ್ ಯಾವತ್ತೂ ಮುಟ್ಟದ ಆ ಕೊನೆಯ ಜಾಗದಲ್ಲಿ ಕೊಳೆ, ತುಕ್ಕು ಕೂತಿರುತ್ತದೆ. ನಾನು ಪೂರ್ತಿ ತುಳಿದು ಮಾಸ್ಟರ್ ಸಿಲಿಂಡರಿನ ಕಪ್ಪನ್ನೇ ಹಾಳು ಮಾಡಿಕೊಂಡಿದ್ದೆ. ಪೆಡಲ್ ಕೆಳಗೆ ಒಂದು ಮರದ ತುಂಡು ಇಡಿ.

ಇನ್ನೊಂದು: ಹಿಂದಿನ ಒಂದು ಚಕ್ರ ಎತ್ತಿದ ಮೇಲೆ ಗೇರಿನಲ್ಲಿ ನಿಲ್ಲಿಸಿದ್ದೇನೆ ಅನ್ನೋ ಧೈರ್ಯ ಬೇಡ. ಎರಡೂ ಚಕ್ರ ಬೇರೆ ಬೇರೆ ವೇಗದಲ್ಲಿ ತಿರುಗಲು ಬಿಡುವ ಡಿಫರೆನ್ಷಿಯಲ್ ಇರೋದರಿಂದ ಎತ್ತಿದ ಚಕ್ರ ತಿರುಗಿಕೊಂಡು ಗಾಡಿ ಉರುಳಬಹುದು. ಹ್ಯಾಂಡ್‌ಬ್ರೇಕ್ ಹೇಗೂ ಬಿಟ್ಟಿರಬೇಕು. ಮುಂದಿನ ಎರಡೂ ಚಕ್ರಕ್ಕೆ ಹಿಂದೆ ಮುಂದೆ ಕಲ್ಲು ಕೊಡಿ, ಬರೀ ಜಾಕಿಯ ಮೇಲೆ ನಂಬಿಕೆ ಇಟ್ಟು ಕೂರಬೇಡಿ.

ತೀರ್ಥಹಳ್ಳಿ ಓಮ್ನಿ:

ಕೆಲಸ ಮುಗಿಯಿತು, ಎರಡು ದಿನ ಹಿಡಿಯಿತು. ನನ್ನ ಹಾಗೆ ಮೊದಲ ಸಲ ಮಾಡುವವರಿಗೆ ಆಗಲಿ ಅಂತ ಬರೆಯುತ್ತಿದ್ದೇನೆ.

ಎಡಗಡೆ ಡ್ರಮ್ ಮೊದಲೇ ಬಿಚ್ಚಿದ್ದರಿಂದ ಸುಲಭ. ಬಲಗಡೆಯದು ಜಪ್ಪಯ್ಯ ಅಂದರೂ ಬರಲಿಲ್ಲ. ಡ್ರಮ್ ಮುಖದ ಮೇಲೆ ಎರಡು ಥ್ರೆಡ್ ಇರುವ ತೂತು ಇದೆ. ಅದಕ್ಕೆ ಎರಡು 8 ಎಂ.ಎಂ. ಬೋಲ್ಟ್ ಹಾಕಿ, ಇದಕ್ಕೆ ಅರ್ಧ ಸುತ್ತು ಅದಕ್ಕೆ ಅರ್ಧ ಸುತ್ತು ಬಿಗಿಯುತ್ತಾ ಹೋದೆ. ಟಕ್ ಅಂತ ಬಿಟ್ಟುಕೊಂಡಿತು. ಸುತ್ತಿಗೆ ಹಿಡಿಯಲೇ ಇಲ್ಲ.

ಕಷ್ಟ ಕೊಟ್ಟಿದ್ದು ಪೈಪಿನ ನಟ್. 10ರ ಸಾದಾ ಸ್ಪ್ಯಾನರ್ ಹಾಕಿದಾಗ ಮೂಲೆ ಸವೆಯುವ ಲಕ್ಷಣ ಕಂಡಿತು, ಅಲ್ಲಿಗೇ ನಿಲ್ಲಿಸಿದೆ. ತುಕ್ಕು ಬಿಡಿಸುವ ಸ್ಪ್ರೇ ಹೊಡೆದು ರಾತ್ರಿ ಬಿಟ್ಟು, ಮಾರನೇ ದಿನ ತೀರ್ಥಹಳ್ಳಿಯಿಂದ ಪೈಪ್ ನಟ್ಟಿನ ಬಾಯಿ ಸೀಳಿದ ರಿಂಗ್ ಸ್ಪ್ಯಾನರ್ ತಂದೆ. ಅದಕ್ಕೆ ಬಗ್ಗಿತು. ಅವಸರ ಮಾಡಿದ್ದರೆ ಪೈಪೇ ತಿರುಚಿ ಹೋಗುತ್ತಿತ್ತು. ಬಿಚ್ಚಿದ ಪೈಪಿನ ತುದಿಗೆ ಹಳೆ ನಿಪ್ಪಲಿನ (ಏರ್ ಹೊರಗೆ ಬಿಡುವ ಸಣ್ಣ ತಿರುಪು) ರಬ್ಬರ್ ಟೋಪಿ ಸಿಕ್ಕಿಸಿದೆ. ಆಯಿಲ್ ಸೋರುವುದು ನಿಂತಿತು.

ತೆಗೆದ ಸಿಲಿಂಡರನ್ನು ಕುತೂಹಲಕ್ಕೆ ಬಿಚ್ಚಿ ನೋಡಿದೆ. ಬಸಣ್ಣೋರು ಹೇಳಿದ ಹಾಗೇ ಒಳಗೆ ಕೆಳಗಿನ ಮೈಯಲ್ಲಿ ಸಾಸಿವೆ ಗಾತ್ರದ ಗುಳಿಗಳು, ಕೆಸರಿನಂಥ ಕೆಂಪು ಗಷ್ಟು. ಕಪ್ಪಿನ ಅಂಚು ಒಂದು ಕಡೆ ಸೀಳಿತ್ತು. ಬಲಗಡೆಯದು ಇನ್ನೂ ಸೋರುತ್ತಿರಲಿಲ್ಲ, ಆದರೆ ಒಂದು ಪಿಸ್ಟನ್ ಹಿಡಿದುಕೊಂಡು ಬೆರಳಿಗೆ ಅಲುಗಲೇ ಇಲ್ಲ. ಎರಡೂ ಕಡೆ ಹಾಕಿಸಿ ಅಂದಿದ್ದು ಎಷ್ಟು ಒಳ್ಳೆಯದಾಯಿತು.

ಏರ್ ತೆಗೆಯೋದಕ್ಕೆ ನನ್ನ ಹೆಂಡತಿ ಪೆಡಲ್ ಹತ್ತಿರ, ನಾನು ನಿಪ್ಪಲ್ ಹತ್ತಿರ. ಅವಳು "ಒತ್ತಿದೆ" ಅಂದಾಗ ನಾನು ಸಡಿಲಿಸೋದು, ನಾನು "ಹಿಡಿದೆ" ಅಂದ ಮೇಲೇ ಅವಳು ಕಾಲು ತೆಗೆಯೋದು. ಮಾಸ್ಟರ್ ಸಿಲಿಂಡರಿಗೆ ದೂರದ್ದು ಹಿಂದಿನ ಎಡ ಚಕ್ರ, ಅಲ್ಲಿಂದ ಶುರು ಮಾಡಿದೆವು. ನಿಪ್ಪಲಿಗೆ ಪಾರದರ್ಶಕ ಪೈಪು, ಅದರ ತುದಿ ಬಾಟಲಿಯೊಳಗಿನ ಹೊಸ ಆಯಿಲಿನಲ್ಲಿ ಮುಳುಗಿರಬೇಕು. ಮೊದಲು ಕಷಾಯ, ಆಮೇಲೆ ಗುಳ್ಳೆ, ಕೊನೆಗೆ ತಿಳಿ ಜೇನಿನ ಬಣ್ಣ. ಮಗಳಿಗೆ ಡಬ್ಬಿ ಖಾಲಿಯಾಗದ ಹಾಗೆ ತುಂಬಿಸುವ ಕೆಲಸ. ನಾಲ್ಕೂ ಚಕ್ರದ ಆಯಿಲ್ ಬದಲಾಯಿತು. ಮಡ್‌ಗಾರ್ಡ್ ಮೇಲೆ ಒಂದೆರಡು ಹನಿ ಬಿತ್ತು, ಬಣ್ಣ ಏಳುತ್ತದೆ ಅಂತ ಗೊತ್ತಿದ್ದರಿಂದ ಕೂಡಲೇ ನೀರು ಹಾಕಿ ತೊಳೆದೆ.

ಈಗ ಪೆಡಲ್ ಮೇಲೆಯೇ ಗಟ್ಟಿಯಾಗಿ ನಿಲ್ಲುತ್ತದೆ. ಮನೆ ಮುಂದಿನ ಮಣ್ಣು ರಸ್ತೆಯಲ್ಲಿ ಬ್ರೇಕ್ ಹಿಡಿದು ಇಳಿದು ನೋಡಿದೆ, ಎರಡೂ ಚಕ್ರದ ಗುರುತು ಸಮ. ಮೂರು ದಿನ ಹತ್ತಿರದಲ್ಲೇ ಓಡಿಸಿ ಮತ್ತೆ ಡ್ರಮ್ ಬಿಚ್ಚಿದೆ. ಬೂಟ್ ಒಳಗೆ ಬಟ್ಟೆಯ ಮೂಲೆ ಆಡಿಸಿದರೂ ಒಣ.

ಹುಬ್ಬಳ್ಳಿ ಗ್ಯಾರೇಜ್ ಬಸಣ್ಣ:

ಶಾಬಾಸ್ ತಮ್ಮಾ. ಇನ್ನ ಹ್ಯಾಂಡ್‌ಬ್ರೇಕ್ ಕೇಬಲ್ ನೋಡ್ಕೋರಿ. ಹೊಸ ಶೂ ಹಾಕಿದ ಮ್ಯಾಲೆ ಹಳೇ ಬಿಗಿ ಹಂಗ ಉಳದ್ರ ಶೂ ಡ್ರಮ್ಮಿಗೆ ಹತ್ತಿ ಕಾಯ್ತದ. ಹ್ಯಾಂಡ್‌ಬ್ರೇಕ್ ಬಿಟ್ಟು, ಗೇರ್ ನ್ಯೂಟ್ರಲ್ ಮಾಡಿ, ಗಾಲಿ ಎತ್ತಿ ಕೈಲೆ ತಿರಗಸ್ರಿ. ಸಣ್ಣಗ ಸವರಿದ ಸಪ್ಪಳ ಬರಬಹುದು, ಬಿಗಿ ಇರಬಾರದು. ಒಂದ ಹತ್ತ ಕಿಲೋಮೀಟರ್ ಓಡಿಸಿ ಬಂದು ಎರಡೂ ಡ್ರಮ್ಮಿನ ಹತ್ರ ಕೈ ಹಿಡದು ನೋಡ್ರಿ, ಒಂದಕ್ಕಿಂತ ಒಂದ ಬಿಸಿ ಇದ್ರ ಅಲ್ಲೇ ಸಡ್ಲ ಮಾಡಬೇಕು.

ತೀರ್ಥಹಳ್ಳಿ ಓಮ್ನಿ:

ಬಲಗಡೆ ಸ್ವಲ್ಪ ಬಿಗಿ ಇತ್ತು ಬಸಣ್ಣೋರೆ, ಕೇಬಲ್ ಎರಡು ಸುತ್ತು ಸಡಿಲಿಸಿದೆ. ಆಮೇಲೆ ಕೊಪ್ಪದ ಕಡೆ ಹೋಗಿ ಬಂದೆ, ಎರಡೂ ಡ್ರಮ್ ಒಂದೇ ಹದದಲ್ಲಿ ಬೆಚ್ಚಗಿವೆ. ಗುರುವಾರ ಅಪ್ಪಯ್ಯನನ್ನು ಕರೆದುಕೊಂಡು ಘಾಟಿ ಇಳಿಯುತ್ತಿದ್ದೇವೆ, ಎರಡನೇ ಗೇರಿನಲ್ಲಿ. ಸೋಮೇಶ್ವರಕ್ಕೆ ಇಳಿದ ಕೂಡಲೇ ನಿಲ್ಲಿಸಿ ಒಳಮೈಗೆ ಬಟ್ಟೆ ಹಚ್ಚಿ ನೋಡಿ ಇಲ್ಲೇ ಬರೆಯುತ್ತೇನೆ.