"ನಮ್ಮ ಪಾಲು ವಾಪಸ್ ಬಂತು" ಅಂದರು ಕೂಟದಲ್ಲಿ. ಮಗಳಿಗೆ ಏನು ಹೇಳಲಿ?

ತುಂಗಾತೀರ (ಕೇರಿ, ನಾರ್ತ್ ಕೆರೊಲಿನಾ), ಅಕ್ಟೋಬರ್ 6, 2024

ನಮಸ್ಕಾರ. ಸ್ವಲ್ಪ ಉದ್ದ ಬರೀತಿದ್ದೇನೆ, ಪೂರ್ತಿ ಓದಿ.

ಮಗಳು ಹನ್ನೆರಡನೇ ತರಗತಿ. ಚಾಪೆಲ್ ಹಿಲ್‌ನಲ್ಲಿರುವ ಈ ರಾಜ್ಯದ ಸರ್ಕಾರಿ ವಿಶ್ವವಿದ್ಯಾಲಯ ಯುಎನ್‌ಸಿಗೆ ಮೊದಲ ಸುತ್ತಿನಲ್ಲಿ ಅರ್ಜಿ ಹಾಕಲು ಇದೇ 15 ಕೊನೆ ದಿನ. ಹೋದ ವಾರ ನಮ್ಮ ಕನ್ನಡ ಕೂಟದ ಊಟದಲ್ಲಿ ಒಬ್ಬರು ಪುಳಿಯೋಗರೆ ಬಡಿಸುತ್ತಾ, "ಇಲ್ಲಿನ ಸುಪ್ರೀಂ ಕೋರ್ಟು ಕಾಲೇಜು ಸೀಟಿನಲ್ಲಿ ಕಪ್ಪು ಜನರಿಗಿದ್ದ ಆ ಕೋಟಾ ತೆಗೆದು ಹಾಕಿದ್ದು ಒಳ್ಳೇದಾಯ್ತು, ನಮ್ಮ ಮಕ್ಕಳ ಪಾಲು ನಮಗೆ ವಾಪಸ್ ಬಂತು" ಅಂದರು. ಸುತ್ತ ಕೂತವರು ತಲೆಯಾಡಿಸಿದರು. ನಾನೂ ಆಡಿಸಿದೆ. ಮಗಳು ಪಕ್ಕದಲ್ಲೇ ಇದ್ದಳು. ಮನೆಗೆ ಬರುವಾಗ ಕಾರಿನಲ್ಲಿ ಕೇಳಿದಳು, "ಅಮ್ಮ, ಯಾರ ಪಾಲು ಅದು?" ನನಗೆ ಉತ್ತರ ಹೊಳೆಯಲಿಲ್ಲ.

ಅವಳು ಯಾಕೆ ಕೇಳಿದಳು ಅಂತ ನನಗೆ ಗೊತ್ತು. ಆರನೇ ತರಗತಿಯಿಂದ ಶಾಲೆಯ ಆರ್ಕೆಸ್ಟ್ರಾದಲ್ಲಿ ಅವಳ ಜೊತೆ ವಯೋಲಾ ನುಡಿಸುವ ಗೆಳತಿಯೊಬ್ಬಳಿದ್ದಾಳೆ. ಕಪ್ಪು ಜನರ ಮನೆತನ, ತಲೆತಲಾಂತರದಿಂದ ಡರ್ಹಮ್ ಊರಿನವರು. ಶನಿವಾರದ ಅಭ್ಯಾಸ ಅವರ ಅಜ್ಜನ ಮನೆಯಲ್ಲಿ. ಅಜ್ಜನಿಗೆ ಈಗ 89. ಒಮ್ಮೆ ಅಡುಗೆಮನೆಯಲ್ಲಿ ಮಕ್ಕಳಿಗಾಗಿ ಕಾಯುತ್ತಾ ಕೂತಿದ್ದಾಗ ಅವರು ತಮ್ಮ ಕಥೆ ಹೇಳಿದರು. 1953ರಲ್ಲಿ ಡರ್ಹಮ್‌ನಲ್ಲಿ ಹೈಸ್ಕೂಲ್ ಮುಗಿಸಿದ್ದು. ಲೆಕ್ಕದಲ್ಲಿ ಶಾಲೆಗೇ ಮೊದಲು. ಚಾಪೆಲ್ ಹಿಲ್ ಅಲ್ಲಿಂದ ಹದಿನೈದು ಕಿಲೋಮೀಟರ್ ಚಿಲ್ಲರೆ, ಅಷ್ಟೇ. ಆದರೆ ಡಿಗ್ರಿ ತರಗತಿಗೆ ಕಪ್ಪು ಹುಡುಗರನ್ನು ಸೇರಿಸಿಕೊಳ್ಳುತ್ತಿರಲಿಲ್ಲ. ಡರ್ಹಮ್‌ನ ಹಿಲ್‌ಸೈಡ್ ಹೈಸ್ಕೂಲಿನ ಮೂವರು ಹುಡುಗರು ಕೋರ್ಟಿಗೆ ಹೋಗಿ ಗೆದ್ದ ಮೇಲೆ, 1955ರಲ್ಲಿ, ಬಾಗಿಲು ತೆರೆಯಿತು. ಆ ವಿಶ್ವವಿದ್ಯಾಲಯದಲ್ಲಿ ಪಾಠ ಶುರುವಾಗಿದ್ದು 1795ರಲ್ಲಿ. ಬಾಗಿಲು ತೆರೆಯುವ ಹೊತ್ತಿಗೆ ಅಜ್ಜ ಸೇನೆ ಸೇರಿ ಆಗಿತ್ತು. ಆಮೇಲೆ ಪೂರ್ತಿ ಅಂಚೆ ಕಚೇರಿಯಲ್ಲಿ ದುಡಿದರು. "ನಮ್ಮಪ್ಪ ತಂಬಾಕು ಕಾರ್ಖಾನೆಯಲ್ಲಿ ದುಡಿದು ಈ ರಾಜ್ಯಕ್ಕೆ ತೆರಿಗೆ ಕಟ್ಟಿದ. ಅವನ ದುಡ್ಡಲ್ಲಿ ಬೇರೆಯವರ ಮಕ್ಕಳು ಓದಿದರು" ಅಂದರು. ಸಿಟ್ಟಿನಿಂದ ಹೇಳಲಿಲ್ಲ. ನನ್ನ ಕಪ್ಪಿಗೆ ಇನ್ನಷ್ಟು ಚಹಾ ಬಗ್ಗಿಸುತ್ತಾ ಹೇಳಿದರು.

ಕೂಟದ ಊಟದ ಮಾರನೇ ದಿನ ಕೂತು ಅಂಕಿಅಂಶ ಹುಡುಕಿದೆ. ಪ್ರವೇಶದಲ್ಲಿ ಜನಾಂಗ ನೋಡಬಾರದು ಅನ್ನುವ ಆ ತೀರ್ಪು ಬಂದದ್ದು 2023ರ ಜೂನ್ 29ಕ್ಕೆ, ಹಾರ್ವರ್ಡ್ ಮೇಲೆ ಮತ್ತು ನಮ್ಮದೇ ಯುಎನ್‌ಸಿ ಮೇಲೆ. ಅದಾದ ಮೇಲೆ ಅರ್ಜಿ ಹಾಕಿ ಈ ವರ್ಷ ಯುಎನ್‌ಸಿಗೆ ಸೇರಿದ ಹೊಸಬರಲ್ಲಿ ಕಪ್ಪು ವಿದ್ಯಾರ್ಥಿಗಳು ಶೇ. 10.5ರಿಂದ 7.8ಕ್ಕೆ ಇಳಿದಿದ್ದಾರೆ. ನಮ್ಮವರೂ ಸೇರಿ ಏಷ್ಯನ್ ಮಕ್ಕಳು 24.8ರಿಂದ 25.8ಕ್ಕೆ ಏರಿದ್ದಾರೆ. ಈ ರಾಜ್ಯದಲ್ಲಿ ಐದು ಜನರಲ್ಲಿ ಒಬ್ಬರು ಕಪ್ಪು ಜನ. ನಾನು ಯಾವುದಕ್ಕೆ ತಲೆಯಾಡಿಸಿದೆ ಅಂತ ಆಗ ಅರಿವಾಯಿತು.

ಇನ್ನೊಂದು ವಿಷಯ. ದುಡ್ಡು ಕೊಟ್ಟು ಒಬ್ಬ ಸಲಹೆಗಾರರನ್ನು ಇಟ್ಟುಕೊಂಡಿದ್ದೆವು. ಮಗಳು ಅರ್ಜಿಯ ಜೊತೆ ಕಳಿಸುವ ಪ್ರಬಂಧದಲ್ಲಿ ತೀರ್ಥಹಳ್ಳಿಯ ನನ್ನ ಅಮ್ಮನ ಬಗ್ಗೆ ಬರೆದಿದ್ದಾಳೆ. ಅಮ್ಮ ನಲವತ್ತು ವರ್ಷದಿಂದ ಗೋಡೆ ಕ್ಯಾಲೆಂಡರಿನ ಅಂಚಿನಲ್ಲಿ ದಿನದ ಮಳೆ ಎಷ್ಟು ಅಂತ ಬರೆದಿಡುತ್ತಾರೆ, ಅಡಿಕೆಗೆ ಔಷಧಿ ಹೊಡೆಯುವ ಲೆಕ್ಕಕ್ಕೆ. ಹೋದ ಬೇಸಿಗೆಯಲ್ಲಿ ಇವಳು ಅಟ್ಟದಿಂದ ಹಳೇ ಕ್ಯಾಲೆಂಡರುಗಳನ್ನೆಲ್ಲ ಇಳಿಸಿ, ಧೂಳು ಕೊಡವಿ, ಗ್ರಾಫ್ ಮಾಡಿದಳು. ಸಂಖ್ಯಾಶಾಸ್ತ್ರ ಓದುವ ಆಸೆ ಹುಟ್ಟಿದ್ದೇ ಅಲ್ಲಿ. ಸಲಹೆಗಾರರು "ಇದನ್ನು ತೆಗೀರಿ, ತೀರಾ ಇಂಡಿಯನ್ ಅನ್ನಿಸುತ್ತೆ" ಅಂದರು.

ಉಳಿಸಿಕೊಳ್ಳೋಣವಾ? ಮತ್ತೆ, ಆ ಮೊದಲ ಪ್ರಶ್ನೆಗೆ ಅವಳಿಗೆ ಏನು ಹೇಳಲಿ?

ಬಯಲುಸೀಮೆ:

ಮೇಡಂ, ನಿಮ್ಮ ಮನಸ್ಸು ಅರ್ಥವಾಗುತ್ತೆ. ಆದರೆ ನಮ್ಮ ನೋವನ್ನೂ ಕೇಳಿ. 2021ರಲ್ಲಿ ನನ್ನ ಮಗನಿಗೆ ಕಾಲೇಜು ಪ್ರವೇಶದ ಎಸ್‌ಎಟಿ ಪರೀಕ್ಷೆಯಲ್ಲಿ 1600ಕ್ಕೆ 1560 ಬಂತು, ಒಂಬತ್ತು ಕಡೆ ಇಲ್ಲ ಅಂದರು. ಒಂದು ತಿಂಗಳು ಅವನು ಸರಿಯಾಗಿ ಊಟ ಮಾಡಲಿಲ್ಲ. ಹಾರ್ವರ್ಡ್ ವಿಚಾರಣೆಯಲ್ಲಿ ಹೊರಬಂದದ್ದು ನೆನಪಿದೆಯಾ? ವ್ಯಕ್ತಿತ್ವಕ್ಕೆ ಅಂತ ಕೊಡುವ ಅಂಕದಲ್ಲಿ ಏಷ್ಯನ್ ಮಕ್ಕಳಿಗೆ ಸರಾಸರಿಯಲ್ಲಿ ಎಲ್ಲರಿಗಿಂತ ಕಡಿಮೆ ಬಿದ್ದಿತ್ತು. ನಮ್ಮ ಮಕ್ಕಳಿಗೆ ಧೈರ್ಯವಿಲ್ಲ, ಸ್ನೇಹಗುಣವಿಲ್ಲ ಅಂತ ಯಾರೋ ಕಾಗದ ನೋಡಿ ನಿರ್ಧರಿಸಿದರೆ ಅದು ಜನಾಂಗಭೇದ ಅಲ್ಲವಾ? ಆ ಅಜ್ಜನಿಗೆ ಆದದ್ದು ಘೋರ ಅನ್ಯಾಯ. ಅದರ ಬೆಲೆಯನ್ನು ನನ್ನ ಮಗ ಯಾಕೆ ತೆರಬೇಕು?

ಮಲಪ್ರಭಾ:

ಅಕ್ಕಾವ್ರ, ನಾ ಗದಗ ಜಿಲ್ಲಾ ರೋಣ ತಾಲೂಕಿನಾಂವ. ಈಗ ರಾಲೀದಾಗ ಸಾಫ್ಟ್‌ವೇರ್ ಕೆಲಸ. 2006ರ ಸಿಇಟಿಯೊಳಗ ನನಗ ಹುಬ್ಬಳ್ಳ್ಯಾಗ ಇಂಜಿನಿಯರಿಂಗ್ ಸೀಟು ಸಿಕ್ಕಿದ್ದು ಗ್ರಾಮೀಣ ಕೋಟಾದಾಗ. ಜನರಲ್ ಕಟಾಫ್‌ನಾಗ ಸಿಗ್ತಿರಲಿಲ್ಲ, ಇದು ಖರೇ ಮಾತು. ನಮ್ಮೂರ ಸಾಲ್ಯಾಗ ಹತ್ತನೇತ್ತಾ ಮುಗಿಯೂತನಕ ಪ್ರಯೋಗಶಾಲೆ ಅನ್ನೂದು ಕೀಲಿ ಹಾಕಿದ ಒಂದು ಕಪಾಟು ಅಷ್ಟ. ಮೊದಲನೇ ಸೆಮಿಸ್ಟರ್‌ನಾಗ ಎರಡು ವಿಷಯ ಹೋದವು, ಎಂಟನೇ ಸೆಮಿಸ್ಟರ್‌ನಾಗ ಡಿಸ್ಟಿಂಕ್ಷನ್ ಬಂತು. ಇಲ್ಲಿ ಕೂಟದಾಗ ಕೋಟಾ ಬೈಯೋರೊಳಗ ನನ್ನಂಗ ಬಂದವರು ಇನ್ನೂ ಇಬ್ಬರು ಅದಾರ. ಅವರು ಅದನ್ನ ಬಾಯಿ ಬಿಟ್ಟು ಹೇಳೂದಿಲ್ಲ. ಅದು ನನಗ ಭಾಳ ಬ್ಯಾಸರ ಆಗ್ತದ.

ಪ್ರಬಂಧ ತಗೀಬ್ಯಾಡ್ರಿ. ಆ ಕ್ಯಾಲೆಂಡರ್ ಓದಿ ನನಗ ನಮ್ಮವ್ವ ನೆನಪಾದಳು.

ನಿವೃತ್ತ ಗಣಿತ ಮೇಷ್ಟ್ರು:

ತಾಯಿ, ನಾನು 1970ರಲ್ಲಿ ಮೈಸೂರಿನಿಂದ ಬಂದವನು. ಕಪ್ಪು ಜನರಿಗೆಂದೇ ಕಟ್ಟಿದ ಇದೇ ರಾಜ್ಯದ ಒಂದು ವಿಶ್ವವಿದ್ಯಾಲಯದಲ್ಲಿ 31 ವರ್ಷ ಗಣಿತ ಕಲಿಸಿದೆ. ಬೇರೆಲ್ಲೂ ನನಗೆ ಕೆಲಸ ಸಿಗಲಿಲ್ಲ, ಅವರು ಕರೆದು ಕೊಟ್ಟರು.

ಮೊದಲು "ಕೋಟಾ" ಎಂಬ ಮಾತು. ನಮ್ಮ ಕಡೆಯಂತೆ ಸೀಟು ಎತ್ತಿಡುವ ಪದ್ಧತಿ ಇಲ್ಲಿ 1978ರಲ್ಲೇ ಹೋಯಿತು. ಕ್ಯಾಲಿಫೋರ್ನಿಯಾದ ಡೇವಿಸ್ ಮೆಡಿಕಲ್ ಕಾಲೇಜು 100ರಲ್ಲಿ 16 ಸೀಟು ಬೇರೆ ಇಟ್ಟಿತ್ತು, ಬಾಕಿ ಎಂಬಾತನ ಮೊಕದ್ದಮೆಯಲ್ಲಿ ಅದು ಬಿತ್ತು. ಆಮೇಲೆ ಉಳಿದದ್ದು, ಹಲವು ಅಂಶಗಳ ನಡುವೆ ಜನಾಂಗವನ್ನೂ ಒಂದು ಅಂಶವಾಗಿ ನೋಡಬಹುದು ಅನ್ನುವುದಷ್ಟೇ. 2023ರಲ್ಲಿ ಹೋದದ್ದು ಅದು.

ಎರಡನೆಯದು, ನಾವು ಇಲ್ಲಿ ಹೇಗೆ ಇದ್ದೇವೆ? 1946ರ ವಲಸೆ ಕಾನೂನಿನಲ್ಲಿ ಇಡೀ ಭಾರತಕ್ಕೆ ವರ್ಷಕ್ಕೆ 100 ಜನರ ಮಿತಿ. 1960ರ ಫೆಬ್ರವರಿ 1ರಂದು ಇದೇ ರಾಜ್ಯದ ಗ್ರೀನ್ಸ್‌ಬರೋ ಊರಿನಲ್ಲಿ, ಕಪ್ಪು ಜನರಿಗೆಂದೇ ಕಟ್ಟಿದ ಎ ಅಂಡ್ ಟಿ ಕಾಲೇಜಿನ ಮೊದಲ ವರ್ಷದ ನಾಲ್ವರು ಕಪ್ಪು ಹುಡುಗರು ಬಿಳಿಯರಿಗೆ ಮಾತ್ರ ಅಂತಿದ್ದ ಊಟದ ಕೌಂಟರಿನಲ್ಲಿ ಕೂತು ಏಳಲಿಲ್ಲ. ಅಂಥ ಹೋರಾಟಗಳಿಂದ 1964ರಲ್ಲಿ ನಾಗರಿಕ ಹಕ್ಕುಗಳ ಕಾಯ್ದೆ ಬಂತು, ಅದೇ ಗಾಳಿಯಲ್ಲಿ 1965ರಲ್ಲಿ ವಲಸೆ ಕಾನೂನು ಬದಲಾಯಿತು. ಆ ಹೊಸ ಕಾನೂನು ಆರಿಸಿ ತಂದದ್ದು ಹೆಚ್ಚಾಗಿ ಡಾಕ್ಟರು, ಇಂಜಿನಿಯರುಗಳನ್ನು. ಓದಿದವರ ಮನೆಯಲ್ಲಿ ಹುಟ್ಟಿದ ಮಕ್ಕಳು ಪರೀಕ್ಷೆಯಲ್ಲಿ ಮುಂದಿರುವುದು ಸಹಜ. ಅದು ಅವರ ತಪ್ಪಲ್ಲ, ಆದರೆ ಬರೀ ಅವರ ಬೆವರೂ ಅಲ್ಲ.

ನಾನು ಕಣ್ಣಾರೆ ಕಂಡದ್ದು ಹೇಳುತ್ತೇನೆ. ಮಳೆಗಾಲದಲ್ಲಿ ನಮ್ಮ ತರಗತಿಯ ಮೂಲೆಯಲ್ಲಿ ಬಕೆಟ್ ಇಟ್ಟು ಪಾಠ ಮಾಡಿದ್ದೇನೆ. ಅಲ್ಲಿಂದ ಓದಿ ಹೋದ ಹುಡುಗಿ ಈಗ ಪ್ರೊಫೆಸರು. 2023ರಲ್ಲಿ ಕೇಂದ್ರ ಸರ್ಕಾರದ ಶಿಕ್ಷಣ ಮತ್ತು ಕೃಷಿ ಕಾರ್ಯದರ್ಶಿಗಳು ಕಪ್ಪು ಜನರ ಸರ್ಕಾರಿ ವಿಶ್ವವಿದ್ಯಾಲಯಗಳಿಗೆ ಕಡಿಮೆ ಹಣ ಕೊಟ್ಟ ಬಗ್ಗೆ 16 ರಾಜ್ಯಗಳ ಗವರ್ನರುಗಳಿಗೆ ಪತ್ರ ಬರೆದರು. ಅದರ ಲೆಕ್ಕದಲ್ಲಿ, ಮೂವತ್ತು ವರ್ಷಗಳಲ್ಲಿ ಎ ಅಂಡ್ ಟಿ ಒಂದಕ್ಕೇ ಸುಮಾರು 200 ಕೋಟಿ ಡಾಲರ್ ಕಡಿಮೆ ಬಿದ್ದಿದೆ, ಮೊದಲು ಬಿಳಿಯರಿಗೆಂದೇ ಇದ್ದ ಇದೇ ರಾಜ್ಯದ ಎನ್‌ಸಿ ಸ್ಟೇಟ್ ವಿಶ್ವವಿದ್ಯಾಲಯಕ್ಕೆ ವಿದ್ಯಾರ್ಥಿ ತಲೆಗೆ ಇಷ್ಟರಂತೆ ಸಿಕ್ಕದ್ದಕ್ಕೆ ಹೋಲಿಸಿದರೆ. ಎಂದೋ ಮುಗಿದ ಕಥೆ ಅನ್ನುವವರಿಗೆ ಇದನ್ನು ತೋರಿಸಿ.

ಬಯಲುಸೀಮೆಯವರೇ, ನಿಮ್ಮ ಮಗನಿಗೆ ಆದದ್ದು ನೋವೇ. ಆದರೆ ಅವನ ಸೀಟು ಆ ಅಜ್ಜನ ಮೊಮ್ಮಗಳ ಕೈಯಲ್ಲಿರಲಿಲ್ಲ. ಅದೇ ಹಾರ್ವರ್ಡ್ ಮೊಕದ್ದಮೆಯ ದಾಖಲೆಗಳಲ್ಲಿ, ಸೀಟು ಸಿಕ್ಕ ಬಿಳಿ ವಿದ್ಯಾರ್ಥಿಗಳಲ್ಲಿ ಶೇ. 43ಕ್ಕೂ ಹೆಚ್ಚು ಮಂದಿ ಆಟಗಾರರು, ಹಳೆ ವಿದ್ಯಾರ್ಥಿಗಳ ಮಕ್ಕಳು, ಅಧ್ಯಾಪಕರ ಮಕ್ಕಳು ಅಥವಾ ಡೀನ್ ಅವರ ವಿಶೇಷ ಪಟ್ಟಿಯಲ್ಲಿದ್ದವರು. ಅಂಥವರಿಗೆ ಸಿಗುವ ಆ ರಿಯಾಯಿತಿಯನ್ನು ಕೋರ್ಟು ಮುಟ್ಟಲಿಲ್ಲ. ಆ ವ್ಯಕ್ತಿತ್ವದ ಅಂಕವನ್ನು ಪ್ರಶ್ನಿಸುವಾಗ ಇದನ್ನೂ ಪ್ರಶ್ನಿಸೋಣ, ನಾನು ನಿಮ್ಮ ಜೊತೆ ನಿಲ್ಲುತ್ತೇನೆ.

ತುಂಗಾತೀರ, ಅಕ್ಟೋಬರ್ 15:

ಎಲ್ಲರಿಗೂ ಋಣಿ. ಮೇಷ್ಟ್ರೇ, ನಿಮ್ಮ ಮಾತನ್ನು ಮಗಳಿಗೆ ಓದಿ ಹೇಳಿದೆ. 1965ರ ವಿಷಯ ಶಾಲೆಯಲ್ಲಿ ಎರಡು ಸಾಲಿನಲ್ಲಿ ಮುಗಿಸಿದ್ದರಂತೆ. ಅವಳ ಪ್ರಶ್ನೆಗೆ ನಾನು ಹೇಳಿದ್ದು ಇಷ್ಟು: ಆ ದಿನ ಅಮ್ಮ ತಲೆಯಾಡಿಸಿದ್ದು ತಪ್ಪು, ಅದು ಯಾರೋ ನಮ್ಮಿಂದ ಕಿತ್ತುಕೊಂಡ ಪಾಲಲ್ಲ. ಅವಳು ಸುಮ್ಮನೆ ಕೇಳಿಸಿಕೊಂಡಳು, ಆಮೇಲೆ ಗೆಳತಿಗೆ ಫೋನ್ ಮಾಡಲು ಮೇಲೆ ಹೋದಳು. ಆ ಹುಡುಗಿ ಎ ಅಂಡ್ ಟಿಗೂ ಅರ್ಜಿ ಹಾಕುತ್ತಿದ್ದಾಳೆ, ಅದೇ ಅವಳ ಮೊದಲ ಆಯ್ಕೆಯಂತೆ.

ಸಲಹೆಗಾರರನ್ನು ಬಿಟ್ಟೆವು. ಪ್ರಬಂಧ ಇದ್ದ ಹಾಗೇ ಹೋಯಿತು. ಒಂದೇ ಒಂದು ಸಾಲು ಸೇರಿಸಿದಳು: ಪಂಪ್ ಕೆಟ್ಟ ಎರಡು ದಿನ ಅಜ್ಜಿ ಮಳೆ ಬರೆಯುವುದನ್ನು ಮರೆತ ಎರಡು ಖಾಲಿ ಚೌಕಗಳ ಬಗ್ಗೆ. ಅರ್ಜಿ ಮಧ್ಯಾಹ್ನ ಕಳಿಸಿದೆವು.

ಇನ್ನೊಂದು ಕೆಲಸ ಉಳಿದಿದೆ. ನಮ್ಮ ಕೂಟ ಪ್ರತಿ ವರ್ಷ ಸದಸ್ಯರ ಮಕ್ಕಳಿಗೆ 500 ಡಾಲರಿನ ಎರಡು ವಿದ್ಯಾರ್ಥಿವೇತನ ಕೊಡುತ್ತದೆ. ಮೂರನೆಯದೊಂದನ್ನು ಡರ್ಹಮ್‌ನ ಸರ್ಕಾರಿ ಶಾಲೆಯಿಂದ ಕಾಲೇಜಿಗೆ ಹೋಗುವ ವಿದ್ಯಾರ್ಥಿಗೆ ಕೊಡೋಣ ಅಂತ ನವೆಂಬರ್ 10ರ ಭಾನುವಾರದ ಸಭೆಯಲ್ಲಿ ಠರಾವು ಮಂಡಿಸುತ್ತೇನೆ. ಮೊದಲ ವರ್ಷದ ಹಣ ನಾನೇ ಹಾಕುತ್ತೇನೆ. ಅನುಮೋದಿಸಲು ಇಬ್ಬರು ಬೇಕು. ಮಲಪ್ರಭಾ ಅವರು ಒಪ್ಪಿ ಫೋನ್ ಮಾಡಿದ್ದರು. ಬಯಲುಸೀಮೆಯವರೇ, ಇನ್ನೊಂದು ಹೆಸರು ನಿಮ್ಮದಾಗಲಿ ಅಂತ ಕೇಳುತ್ತಿದ್ದೇನೆ.