ಸೀರಿಯಲ್‌ನಲ್ಲಿ ಪೋಷಕ ಪಾತ್ರ ಸಿಕ್ಕಿದೆ, ಇರುವ ಕೆಲಸ ಬಿಡಲಾ?

ಕೇಳಿದವರು: ವಯಸ್ಸು ನಲವತ್ತು ದಾಟಿದೆ. ಹವ್ಯಾಸಿ ನಾಟಕಗಳಲ್ಲಿ ತುಂಬಾ ವರ್ಷ ಪಾರ್ಟು ಮಾಡಿದ್ದೇನೆ. ಈಗ ಒಂದು ದಿನನಿತ್ಯದ ಧಾರಾವಾಹಿಯಲ್ಲಿ ನಾಯಕಿಯ ಸೋದರಮಾವನ ಪಾತ್ರಕ್ಕೆ ಕರೆದಿದ್ದಾರೆ. ತಿಂಗಳ ಸಂಬಳ ಬಿಟ್ಟು ಹೋದರೆ ಜೀವನ ನಡೆಯುತ್ತದಾ? ಈ ಲೈನ್‌ನಲ್ಲಿ ಇರುವವರು ದಯವಿಟ್ಟು ಹೇಳಿ.

ಪೋಷಕ ನಟ: ಮೊದಲು ಅಭಿನಂದನೆ ಸರ್. ಕೆಲಸ ಮಾತ್ರ ಈಗಲೇ ಬಿಡಬೇಡಿ. ನಮಗೆ ಸಿಗುವುದು ದಿನದ ಲೆಕ್ಕದ ದುಡ್ಡು. ಕ್ಯಾಮೆರಾ ಮುಂದೆ ನಿಂತ ದಿನ ಉಂಟು, ಉಳಿದ ದಿನ ಇಲ್ಲ. ಅದೂ ಕೈಗೆ ಬರುವುದು ತಡವಾಗಿ. ತಿಂಗಳಿಗೆ ಕಡಿಮೆ ಅಂದರೆ ಎಷ್ಟು ದಿನ ಕರೆಯುತ್ತಾರೆ, ದುಡ್ಡು ಯಾವಾಗ ಬರುತ್ತದೆ, ಬೇರೆ ಚಾನೆಲ್‌ನಲ್ಲಿ ಮಾಡಲು ಬಿಡುತ್ತಾರಾ, ಇದನ್ನೆಲ್ಲ ಸಹಿ ಹಾಕುವ ಮುಂಚೆಯೇ ಬಾಯಿಬಿಟ್ಟು ಕೇಳಿ. ಸಂಕೋಚ ಬೇಡ.

ಮಾವನ ಟ್ರ್ಯಾಕ್, ಅಂದರೆ ಕಥೆಯಲ್ಲಿ ಅವನ ಎಳೆ, ಎಷ್ಟು ದಿನ ಓಡುತ್ತದೆ ಅನ್ನುವುದು ಬರೆಯುವವರಿಗೂ ಗೊತ್ತಿರುವುದಿಲ್ಲ. ವಾರ ವಾರ ರೇಟಿಂಗ್ ಬರುತ್ತದೆ, ಕಥೆ ಅದರ ಹಿಂದೆ ಹೋಗುತ್ತದೆ. ಬೇಡ ಅನ್ನಿಸಿದರೆ ಮಾವನನ್ನು ತೀರ್ಥಯಾತ್ರೆಗೋ ಫಾರಿನ್‌ಗೋ ಕಳಿಸಿಬಿಡುತ್ತಾರೆ. ಆಗಲೂ ಆಸೆ ಇಟ್ಟುಕೊಳ್ಳಬಹುದು, ವಾಪಸ್ ಕರೆಸಿದ್ದುಂಟು. ಹಾಲ್‌ನ ಗೋಡೆ ಮೇಲೆ ನಿಮ್ಮ ಫೋಟೊಗೆ ಹಾರ ಬಿತ್ತು ಅಂದರೆ ಬೇರೆ ಕಡೆ ಫೋನ್ ಮಾಡಲು ಶುರು ಮಾಡಿ. (ಫ್ಲ್ಯಾಶ್‌ಬ್ಯಾಕ್ ಅಂತ ಒಂದೆರಡು ದಿನ ಸಿಗಬಹುದು, ಅಷ್ಟೇ.)

ನಾಟಕದಿಂದ ಬಂದವರಿಗೆ ಮೊದಲು ತೊಂದರೆ ಕೊಡುವುದು ದನಿ. ಕೊನೇ ಸಾಲಿಗೆ ಕೇಳಿಸಬೇಕು ಅನ್ನುವ ಅಭ್ಯಾಸ ಬಿಡಲೇಬೇಕು, ಮೈಕ್ ನಿಮ್ಮ ಅಂಗಿಯೊಳಗೇ ಇರುತ್ತದೆ. ಆಮೇಲೆ ದೃಶ್ಯಗಳ ಕ್ರಮ. ಹಾಲ್‌ನಲ್ಲಿ ಲೈಟಿಂಗ್ ಆಗಿದೆ ಅಂದರೆ ಬೇರೆ ಬೇರೆ ಎಪಿಸೋಡಿನ ಹಾಲ್ ದೃಶ್ಯಗಳೆಲ್ಲ ಒಟ್ಟಿಗೆ ಮುಗಿಯಬೇಕು. ಬೆಳಗ್ಗೆ ಮದುವೆ ಮುರಿಯಿತು ಅಂತ ಅಳುತ್ತೀರಿ, ಮಧ್ಯಾಹ್ನ ಅದೇ ಮದುವೆ ಗೊತ್ತಾಯಿತು ಅಂತ ನಗುತ್ತೀರಿ. ಈ ಸೀನ್ ಹೊತ್ತಿಗೆ ಮಾವನಿಗೆ ಯಾವ ಗುಟ್ಟು ಗೊತ್ತು, ಯಾವುದು ಗೊತ್ತಿಲ್ಲ ಅಂತ ಪ್ರತಿ ಸಲ ಕೇಳಿಕೊಳ್ಳಿ.

ಇನ್ನು ರಿಯಾಕ್ಷನ್. ನಮ್ಮಂಥವರ ಅನ್ನ ಇರುವುದು ಅದರಲ್ಲೇ. ನಾಯಕಿ ಬಾಗಿಲಲ್ಲಿ ನಿಂತು ಏನೋ ಹೇಳುತ್ತಾಳೆ. ಮನೆಯವರೆಲ್ಲ ಕಣ್ಣು ಅರಳಿಸಿ ನಿಲ್ಲುತ್ತಾರೆ. ಕ್ಯಾಮೆರಾ ಒಬ್ಬೊಬ್ಬರ ಮುಖ ನೋಡಿಕೊಂಡು ಹೋಗುತ್ತದೆ. ನಿಮ್ಮ ಪಾಲಿಗೆ ಎರಡು ಸೆಕೆಂಡು ಸಿಕ್ಕರೆ ಜಾಸ್ತಿ. ನಮ್ಮ ಸೆಟ್‌ನಲ್ಲಿ ಹಿರಿಯ ನಟಿಯೊಬ್ಬರಿದ್ದರು. ಅಂಥ ಒಂದು ಶಾಟ್‌ನಲ್ಲಿ ಅವರು ಮಡಚುತ್ತಿದ್ದ ಸೀರೆಯನ್ನು ಅರ್ಧಕ್ಕೇ ನಿಲ್ಲಿಸಿ, ನಾಯಕಿಯನ್ನು ಬಿಟ್ಟು ಅವಳ ಅಪ್ಪನ ಕಡೆ ನೋಡಿದರು. ಅಷ್ಟೇ ಮಾಡಿದ್ದು. ಎಡಿಟರ್ ಆ ಶಾಟನ್ನು ಮತ್ತೆ ಮತ್ತೆ ಹಾಕಿದ. ಆಕೆಗೆ ಏನೋ ಗೊತ್ತಿದೆ ಅಂತ ನೋಡುವವರಿಗೆ ಅನ್ನಿಸಿತು, ಬರೆಯುವವರಿಗೂ ಅನ್ನಿಸಿತು. ಅಲ್ಲಿಯವರೆಗೆ ಸುಮ್ನೆ ಹಿಂದೆ ನಿಲ್ಲುತ್ತಿದ್ದವರಿಗೆ ಆಮೇಲೆ ಪುಟಗಟ್ಟಲೆ ಮಾತು ಬಂತು.

ಸಹ ನಿರ್ದೇಶಕಿ: ಮತ್ತೆ ಯಾರನ್ನು ಕರೆಯುತ್ತೇವೆ ಅನ್ನುವುದು ನಟನೆ ಒಂದರಿಂದಲೇ ತೀರ್ಮಾನ ಆಗುವುದಿಲ್ಲ ಸರ್. ಡೈಲಾಗ್ ಪೇಪರ್ ಎಷ್ಟೋ ಸಲ ಶಾಟ್ ರೆಡಿ ಆದ ಮೇಲೆ ಬರುತ್ತದೆ. ಪ್ರಾಂಪ್ಟಿಂಗ್ ಕೊಡುತ್ತೇವೆ, ಅಂದರೆ ಪಕ್ಕದಿಂದ ಮಾತು ಹೇಳಿಕೊಡುತ್ತೇವೆ, ಆದರೆ ಕಿವಿ ನಮ್ಮ ಕಡೆ, ಕಣ್ಣು ಎದುರಿನವರ ಕಡೆ ಇಡುವುದು ರೂಢಿ ಆಗಬೇಕು. ಹೀರೊ ಬೇಗ ಹೊರಟುಬಿಟ್ಟಿರುತ್ತಾರೆ. ನಿಮ್ಮ ಕ್ಲೋಸಪ್‌ಗೆ ಅವರ ಮಾತು ಓದುವವಳು ನಾನು, ಅದೂ ಏರಿಳಿತ ಇಲ್ಲದ ದನಿಯಲ್ಲಿ. ಅದಕ್ಕೇ ಕಣ್ಣೀರು ತರಬೇಕು! ವಾಚು, ಉಂಗುರ, ಲೋಟ ಹಿಡಿದ ಕೈ, ಇವನ್ನು ನೀವೇ ನೆನಪಿಟ್ಟುಕೊಂಡರೆ ಕಂಟಿನ್ಯುಟಿ (ಒಂದು ಶಾಟ್‌ನಲ್ಲಿ ಇದ್ದದ್ದು ಮುಂದಿನದರಲ್ಲೂ ಹಾಗೇ ಇದೆಯಾ ಅಂತ) ನೋಡುವ ಹುಡುಗ ನಿಮಗೆ ಋಣಿ.

ಪಾತ್ರಕ್ಕೆ ಒಪ್ಪುವ ವಸ್ತು ಮನೆಯಲ್ಲಿದ್ದರೆ ತಂದು ತೋರಿಸಿ. ಅಮೆರಿಕದ ಟಿವಿ ಸರಣಿಯಲ್ಲಿ ಪತ್ತೇದಾರ ಕೊಲಂಬೊ ಪಾತ್ರ ಮಾಡಿದ ಪೀಟರ್ ಫಾಕ್ ಹಾಕಿಕೊಂಡಿದ್ದ ಆ ಸುಕ್ಕುಗಟ್ಟಿದ ರೇನ್‌ಕೋಟು ಅವರ ಸ್ವಂತದ್ದು.

ನಟರೊಬ್ಬರ ಹೆಂಡತಿ: ಮನೆ ಕಡೆಯ ಮಾತು ನಾನು ಹೇಳುತ್ತೇನೆ. ಎರಡು ಸೀರಿಯಲ್ ಒಟ್ಟಿಗೆ ಓಡುವ ಕಾಲ ಬರುತ್ತದೆ. ಆ ದುಡ್ಡನ್ನೇ ನಂಬಿ ಸಾಲ ತೆಗೆಯಬೇಡಿ. ಇವರ ಒಂದು ಟ್ರ್ಯಾಕ್ ನಿಂತಿದ್ದು ಇವರಿಗೆ ಗೊತ್ತಾಗಿದ್ದು ಫೋನ್ ಬರದೇ ಇದ್ದಾಗ. ಯಾರೂ ಬಂದು ಹೇಳುವುದಿಲ್ಲ. ದಾರಿಯಲ್ಲಿ ಜನ ನಿಲ್ಲಿಸಿ ಮಾತಾಡಿಸುತ್ತಾರೆ, ಪಾತ್ರದ ಹೆಸರು ಹಿಡಿದೇ ಕೂಗುತ್ತಾರೆ. ಕೆಟ್ಟವನ ಪಾತ್ರ ಆದರೆ ಬೈಗುಳವೂ ಉಂಟು. ಸ್ವಂತ ಹೆಸರು ಕೇಳುವವರು ಕಡಿಮೆ. ಇವರು ಅದಕ್ಕೆ ಬೇಜಾರು ಮಾಡಿಕೊಳ್ಳುವುದಿಲ್ಲ, ನನಗೇ ಆಗುತ್ತದೆ.

ನಿವೃತ್ತ ನಟ: ನಲವತ್ತು ದಾಟಿತು ಅನ್ನುವ ಚಿಂತೆ ಬಿಡಿ, ಪೋಷಕ ಪಾತ್ರಕ್ಕೆ ಅದೇ ವಯಸ್ಸು. ಅಮೆರಿಕದ ನಟಿ ಮಾರ್ಗೊ ಮಾರ್ಟಿಂಡೇಲ್‌ಗೆ ಅಲ್ಲಿನ ಟಿವಿಯ ದೊಡ್ಡ ಪ್ರಶಸ್ತಿ ಎಮ್ಮಿ ಮೊದಲ ಸಲ ಬಂದಿದ್ದು 2011ರಲ್ಲಿ, ಅರವತ್ತನೇ ವಯಸ್ಸಿಗೆ, ಪೋಷಕ ಪಾತ್ರಕ್ಕೇ. ಅಲ್ಲಿಯದೇ ನಟ ಬ್ರಯನ್ ಕ್ರಾನ್‌ಸ್ಟನ್ ಕಥೆ ಇನ್ನೂ ಚೆನ್ನ. 1998ರಲ್ಲಿ ಒಂದು ಸರಣಿಯ ಒಂದೇ ಎಪಿಸೋಡಿನಲ್ಲಿ ಬಂದು ಹೋಗಿದ್ದರು. ಅದನ್ನು ಬರೆದ ವಿನ್ಸ್ ಗಿಲಿಗನ್ ಮರೆಯಲಿಲ್ಲ. 2008ರಲ್ಲಿ ಬಂದ ತಮ್ಮ ಹೊಸ ಸರಣಿಗೆ ಇವರೇ ನಾಯಕ ಆಗಬೇಕು ಅಂದರು. ಕಾಮಿಡಿ ಅಪ್ಪನ ಪಾತ್ರದಲ್ಲಿ ನೋಡಿದ್ದ ಚಾನೆಲ್‌ನವರು ಹಿಂದೆ ಮುಂದೆ ನೋಡಿದಾಗ ಆ ಹಳೇ ಎಪಿಸೋಡನ್ನೇ ತೋರಿಸಿ ಒಪ್ಪಿಸಿದರು.

ಒಂದೇ ಥರದ ಪಾತ್ರಕ್ಕೆ ಬ್ರ್ಯಾಂಡ್ ಆಗುವುದು ಶಾಪ ಅನ್ನುತ್ತಾರೆ. ನನಗೆ ಹಾಗನ್ನಿಸುವುದಿಲ್ಲ. ದೂರದರ್ಶನದ ರಾಮಾಯಣದಲ್ಲಿ ಅರವಿಂದ್ ತ್ರಿವೇದಿ ದೋಣಿ ನಡೆಸುವ ಕೇವಟನ ಪಾತ್ರ ಕೇಳಿಕೊಂಡು ಹೋಗಿದ್ದರಂತೆ. ಸಿಕ್ಕಿದ್ದು ರಾವಣ. ದೇಶಕ್ಕೆಲ್ಲ ರಾವಣನಾಗಿಯೇ ಉಳಿದರು, 1991ರಲ್ಲಿ ಲೋಕಸಭೆಗೂ ಗೆದ್ದು ಹೋದರು. ಬ್ರ್ಯಾಂಡ್ ಆದವನಿಗೆ ಫೋನ್ ಬರುತ್ತಿರುತ್ತದೆ, ಅಲ್ವಾ? ಆಗದವನದೇ ಕಷ್ಟ.

ಕೇಳಿದವರು: ಎಲ್ಲರಿಗೂ ವಂದನೆ. ಸದ್ಯಕ್ಕೆ ರಜೆ ಹಾಕಿ ಮಾಡುತ್ತೇನೆ. ಇನ್ನೊಂದು ಸಣ್ಣ ಅನುಮಾನ. ಮುಂದಿನ ತಿಂಗಳು ಒಂದು ನಾಟಕಕ್ಕೆ ಮೀಸೆ ತೆಗೆಯಬೇಕಿದೆ, ಆಡಿಷನ್‌ನಲ್ಲಿ ಮೀಸೆ ಇತ್ತು.

ಸಹ ನಿರ್ದೇಶಕಿ: ಅಯ್ಯೋ, ಮುಟ್ಟಬೇಡಿ ಸರ್! ಮೊದಲ ದಿನದ ಶೂಟಿಂಗ್‌ಗೆ ಮುಂಚೆ ಡೈರೆಕ್ಟರ್‌ಗೆ ಹೇಳಿದರೆ ಮೀಸೆ ಇಲ್ಲದ ಮಾವನನ್ನೇ ಮಾಡಿಬಿಡಬಹುದು. ಒಂದು ಸೀನ್ ಆದ ಮೇಲೆ ಆ ಮೀಸೆ ನಮ್ಮದು.